ಗೊಮ್ಮಟ, ಸೊಬಗು: ಎರಡು ಬಳಕೆಮಾತುಗಳ ಅರ್ಥವಿಚಾರ

ಸಕಲೇಶಪುರ ಮತ್ತು ಆಲೂರು ಸೀಮೆಯ ಮಲೆಗಳನ್ನು ವರ್ಣಿಸುವ ಕನ್ನಡ ಬರಹಗಳಲ್ಲಿ ‘ಸೊಬಗು’ ಎಂಬ ಮಾತು ಬಾರದಿರುವುದು ಅಪೂರ್ವ. ಬಿಸಿಲೆಯ ಕಾಡಿಗೆ ಸೊಬಗು, ಹೇಮಾವತಿಯ ತಿರುವಿಗೆ ಸೊಬಗು, ಮಂಜರಾಬಾದ್ ಕೋಟೆಯ ಮೇಲಿಂದ ಕಾಣುವ ಮಂಜಿಗೂ ಸೊಬಗು. ಆದರೆ ಹಳಗನ್ನಡದಲ್ಲಿ ಈ ಶಬ್ದವು ಬೆಟ್ಟಕ್ಕಿಂತ ಮೊದಲು ಮನುಷ್ಯನಿಗೆ ಸಂದುದು. ಗಂಡು ಹೆಣ್ಣಿನ, ಹೆಣ್ಣು ಗಂಡಿನ ಮನಸ್ಸನ್ನು ಸೆಳೆಯುವ ಗುಣವೇ ಸೊಬಗು. ಆ ಗುಣವುಳ್ಳವನೇ ಸೊಬಗ. ಇದೇ ಹಾಸನ ಜಿಲ್ಲೆಯ ಮೂಡಣ ತುದಿಯಲ್ಲಿ, ಶ್ರವಣಬೆಳ್ಗೊಳದ ದೊಡ್ಡಬೆಟ್ಟದ ಮೇಲೆ, ಇದೇ ಅರ್ಥದ ಇನ್ನೊಂದು ಬಳಕೆಮಾತು ದೇವರ ಹೆಸರಾಗಿ ನಿಂತಿದೆ. ಅದು ‘ಗೊಮ್ಮಟ’. ಗೊಮ್ಮಟ ಶಬ್ದದ ನಿಷ್ಪತ್ತಿಯನ್ನು ಕುರಿತು ವಿದ್ವಾಂಸರಲ್ಲಿ ನಡೆದ ಚರ್ಚೆ ವಾಚಕರಿಗೆ ವಿದಿತವಾದುದೇ. ಆ ಚರ್ಚೆಯಲ್ಲಿ ಮಾತಿನ ಮೂಲಕ್ಕೆ ದೊರೆತಷ್ಟು ಗಮನ ಮಾತಿನ ಅರ್ಥಕ್ಕೆ ದೊರೆಯಲಿಲ್ಲವೆಂಬುದು ನಮ್ಮ ಭಾವನೆ. ಸೊಬಗನ್ನು ಪಕ್ಕಕ್ಕಿಟ್ಟುಕೊಂಡು ನೋಡಿದರೆ ಆ ಅರ್ಥವು ಸ್ಪಷ್ಟವಾಗುತ್ತದೆ.

ಸೊಬಗು ಎಂಬುದು ಸಂಸ್ಕೃತದ ‘ಸುಭಗ’ ಶಬ್ದದ ತದ್ಭವವೆಂಬುದರಲ್ಲಿ ವಿವಾದವಿಲ್ಲ. ‘ಸುಖ’ವು ‘ಸೊಗ’ವಾದಂತೆ ‘ಸುಭಗ’ವು ‘ಸೊಬಗ’ವಾಯಿತು. ಪ್ರಾಕೃತದಲ್ಲಿ ಇದರ ರೂಪ ‘ಸುಹಗ’. ಅಲ್ಲಿಂದ ಕನ್ನಡಕ್ಕೆ ಬಂದಿದ್ದರೆ ನಡುವಿನ ಬಕಾರ ಉಳಿಯುತ್ತಿರಲಿಲ್ಲ. ಆದುದರಿಂದ ಕನ್ನಡಿಗರು ಇದನ್ನು ಸಂಸ್ಕೃತದಿಂದ ನೇರವಾಗಿ ಎತ್ತಿಕೊಂಡು ತಮ್ಮ ಬಾಯಿಗೆ ಹೊಂದಿಸಿಕೊಂಡರೆನ್ನಬೇಕು. ಎಷ್ಟರ ಮಟ್ಟಿಗೆ ಹೊಂದಿಸಿಕೊಂಡರೆಂದರೆ, ಸಂಸ್ಕೃತದ ತತ್ಸಮಗಳನ್ನು ಬಿಟ್ಟು ದೇಶ್ಯ ಮತ್ತು ತದ್ಭವಗಳಿಂದಲೇ ಕಾವ್ಯವನ್ನು ರಚಿಸಲು ಹೊರಟ ಜೈನಕವಿ ಆಂಡಯ್ಯನಿಗೆ ಇದು ಅಚ್ಚಗನ್ನಡದ ಮಾತಾಗಿ ಒದಗಿತು. 13ನೆಯ ಶತಮಾನದ ಮೊದಲರ್ಧದ ಅವನ ‘ಕಬ್ಬಿಗರ ಕಾವ’ಕ್ಕೆ ‘ಸೊಬಗಿನ ಸುಗ್ಗಿ’ ಎಂಬ ಹೆಸರೂ ಉಂಟು. ಕಾವನ, ಎಂದರೆ ಕಾಮನ, ವಿಜಯವನ್ನು ಹೇಳುವ ಕಾವ್ಯಕ್ಕೆ ಆ ಹೆಸರು ಒಪ್ಪುವುದು ಸೊಬಗಿಗೆ ಮನಸೆಳೆಯುವಿಕೆ ಎಂಬ ಅರ್ಥವಿದ್ದುದರಿಂದಲೇ ಹೊರತು ಬರಿಯ ಚೆಲುವೆಂಬ ಅರ್ಥದಿಂದಲ್ಲ.

ಚೆಲುವಿಗೂ ಸೊಬಗಿಗೂ ಇರುವ ಈ ಭೇದವು ಕೇವಲ ಕೋಶಕಾರರ ಸೂಕ್ಷ್ಮವಲ್ಲ, ಶಾಸ್ತ್ರದ ಮಾತು. ವಾತ್ಸ್ಯಾಯನನ ಕಾಮಸೂತ್ರದ ಕೊನೆಯ ಅಧಿಕರಣದಲ್ಲಿ ‘ಸುಭಗಂಕರಣ’ವೆಂಬ ಪ್ರಕರಣವಿದೆ. ರೂಪ, ಗುಣ, ಪ್ರಾಯ, ಕೊಡುಗೈ ಇವು ಮನುಷ್ಯನನ್ನು ಸುಭಗನನ್ನಾಗಿ ಮಾಡುತ್ತವೆಂದು ಹೇಳಿ, ಅವು ಇಲ್ಲದವರಿಗೆ ಲೇಪ-ಅಂಜನಗಳನ್ನು ಅಲ್ಲಿ ವಿಧಿಸಿದೆ. ತತ್ತ್ವಾರ್ಥಸೂತ್ರದ ಎಂಟನೆಯ ಅಧ್ಯಾಯದಲ್ಲಿ ಉಮಾಸ್ವಾತಿಗಳು ಇದೇ ಸುಭಗವನ್ನು ನಾಮಕರ್ಮದ ಪ್ರಕೃತಿಗಳಲ್ಲಿ ಎಣಿಸುತ್ತಾರೆ. ಲೇಪದಿಂದ ಬರುವುದಲ್ಲ, ಕರ್ಮೋದಯದಿಂದ ಬರುವುದು. ಪೂಜ್ಯಪಾದರು ಸರ್ವಾರ್ಥಸಿದ್ಧಿಯಲ್ಲಿ ಮಾಡಿರುವ ವಿವರಣೆ ಇನ್ನೂ ನಿಷ್ಕೃಷ್ಟವಾದುದು. ಯಾವುದರ ಉದಯದಿಂದ ಇತರರಿಗೆ ತನ್ನಲ್ಲಿ ಪ್ರೀತಿ ಹುಟ್ಟುವುದೋ ಅದು ಸುಭಗ; ರೂಪಾದಿ ಗುಣಗಳಿದ್ದೂ ಯಾವುದರ ಉದಯದಿಂದ ಅಪ್ರೀತಿಕರನಾಗುವನೋ ಅದು ದುರ್ಭಗ. ಇಲ್ಲಿ ರೂಪವನ್ನು ಬೇರೆ ಮಾಡಿ ತೋರಿಸಿರುವುದು ಗಮನಾರ್ಹ. ರೂಪವು ತನ್ನಲ್ಲಿರುವುದು, ಸುಭಗತ್ವವು ಇತರರಲ್ಲಿ ಹುಟ್ಟುವುದು.

ಇದಕ್ಕೆ ಉದಾಹರಣೆಯನ್ನು ಕೊಡಬೇಕಾದರೆ ಹೊಯ್ಸಳರ ಆಸ್ಥಾನಕವಿ ಜನ್ನನ ‘ಯಶೋಧರಚರಿತೆ’ಯನ್ನು (ಕ್ರಿ.ಶ. 1209) ಬಿಟ್ಟು ಬೇರೆ ಕಡೆ ಹೋಗಬೇಕಾಗಿಲ್ಲ. ಯಶೋಧರನಿಗೆ ರೂಪವಿತ್ತು, ರಾಜ್ಯವಿತ್ತು, ಪ್ರಾಯವಿತ್ತು. ಆದರೂ ಅಮೃತಮತಿಯ ಮನಸ್ಸು ಹೋದದ್ದು ಮೈಯೆಲ್ಲ ಸೊಟ್ಟಾದ ಮಾವಟಿಗನ ಕಡೆಗೆ, ಅದೂ ಇರುಳಿನಲ್ಲಿ ಅವನ ಹಾಡನ್ನು ಕೇಳಿ. ಸೂತ್ರದಲ್ಲಿ ಸುಭಗದ ಬೆನ್ನಿಗೇ ‘ಸುಸ್ವರ’ವೆಂಬ ಪ್ರಕೃತಿ ಬರುವುದನ್ನು ನೆನೆದರೆ ಈ ಕಥೆಯನ್ನು ನಮ್ಮ ಪೂರ್ವಾಚಾರ್ಯರು ಮತ್ತೆ ಮತ್ತೆ ಏಕೆ ಹೇಳಿದರೆಂಬುದು ತಿಳಿಯುತ್ತದೆ. ಅಮೃತಮತಿಯನ್ನು ನಿಂದಿಸಿ ಪುಸ್ತಕವನ್ನು ಮುಚ್ಚುವ ವಿಮರ್ಶಕರು ಇದನ್ನು ಗಮನಿಸುವುದಿಲ್ಲ.

ಇನ್ನು ಗೊಮ್ಮಟ ಶಬ್ದಕ್ಕೆ ಬರೋಣ. ಚಾವುಂಡರಾಯನು ಮಾಡಿಸಿದ ಬಾಹುಬಲಿಯ ವಿಗ್ರಹದ ಪಾದದ ಬಳಿ ಇರುವ ಲಿಪಿಗಳಲ್ಲಿ ಮಾಡಿಸಿದವನ ಹೆಸರಿದೆಯೇ ಹೊರತು ಗೊಮ್ಮಟನೆಂಬ ಹೆಸರಿಲ್ಲ. ಕ್ರಿ.ಶ. 978ರಲ್ಲಿ ಮುಗಿದ ಚಾವುಂಡರಾಯಪುರಾಣದಲ್ಲಿ ವಿಗ್ರಹದ ಪ್ರಸ್ತಾಪವೇ ಇಲ್ಲ. 993ರ ಅಜಿತಪುರಾಣದಲ್ಲಿ ರನ್ನನು ಈ ದೇವರನ್ನು ಕುಕ್ಕುಟೇಶ್ವರನೆಂದು ಕರೆಯುತ್ತಾನೆ. ಬಾದಾಮಿ ಮತ್ತು ಐಹೊಳೆಗಳ ಗುಹೆಗಳಲ್ಲಿ ಇದಕ್ಕೆ ಶತಮಾನಗಳ ಹಿಂದೆಯೇ ಕಡೆದ ಬಾಹುಬಲಿಯ ಉಬ್ಬುಶಿಲ್ಪಗಳಿದ್ದರೂ ಅವಕ್ಕೆ ಗೊಮ್ಮಟನೆಂಬ ಹೆಸರು ಅಂಟಿರಲಿಲ್ಲ. ಹಾಗಾದರೆ ಗೊಮ್ಮಟನಾರು?

ಉತ್ತರವು ನೇಮಿಚಂದ್ರ ಸಿದ್ಧಾಂತಚಕ್ರವರ್ತಿಗಳ ಗೊಮ್ಮಟಸಾರದಲ್ಲಿಯೇ ಇದೆ. ಜೀವಕಾಂಡದ ಕೊನೆಯ ಗಾಹೆಯಲ್ಲಿ, ಅಜಿತಸೇನರನ್ನು ಗುರುವಾಗಿ ಪಡೆದ ಗೊಮ್ಮಟರಾಯನಿಗೆ ಜಯವಾಗಲೆಂದು ಆಚಾರ್ಯರು ಹರಸುತ್ತಾರೆ. ಈ ರಾಯನು ಚಾವುಂಡರಾಯನೇ. ಕರ್ಮಕಾಂಡದ ಕೊನೆಯಲ್ಲಿ ಗೊಮ್ಮಟ ಸಂಗ್ರಹಸೂತ್ರ, ಗೊಮ್ಮಟ ಶಿಖರದ ಮೇಲಿನ ಗೊಮ್ಮಟ ಜಿನ, ಗೊಮ್ಮಟರಾಯನು ನಿರ್ಮಿಸಿದ ದಕ್ಷಿಣ ಕುಕ್ಕುಟಜಿನ ಎಂದು ಬೇರೆ ಬೇರೆಯಾಗಿ ಹೇಳಿದೆ. ಇಲ್ಲಿಯ ಗೊಮ್ಮಟ ಜಿನನು ಚಾವುಂಡರಾಯ ಬಸದಿಯ ನೇಮಿನಾಥನೆಂದೂ, ಬಾಹುಬಲಿಯು ಕುಕ್ಕುಟಜಿನನೆಂದೂ ಪಂಡಿತರು ಅರ್ಥೈಸುತ್ತಾರೆ. ಗ್ರಂಥಕ್ಕೂ ಗೊಮ್ಮಟ, ಬೆಟ್ಟಕ್ಕೂ ಗೊಮ್ಮಟ, ಜಿನಬಿಂಬಕ್ಕೂ ಗೊಮ್ಮಟ. ಇವೆಲ್ಲಕ್ಕೂ ಸಮಾನವಾಗಿರುವುದು ರಾಯನೊಬ್ಬನ ಸಂಬಂಧ ಮಾತ್ರ.

ಈ ಶಬ್ದವನ್ನು ಕುರಿತು ಎರಡು ಪ್ರಬಲ ಪಕ್ಷಗಳಿವೆ. ಮಂಜೇಶ್ವರದ ಎಂ. ಗೋವಿಂದ ಪೈಗಳು ಗೊಮ್ಮಟವನ್ನು ಮನ್ಮಥ ಶಬ್ದದ ತದ್ಭವವೆಂದರು; ಬಾಹುಬಲಿಯು ಇಪ್ಪತ್ತನಾಲ್ವರು ಕಾಮದೇವರಲ್ಲಿ ಮೊದಲನೆಯವನಾದುದರಿಂದ ಈ ಹೆಸರು ಬಂದಿತೆಂಬುದು ಅವರ ವಾದ. ಡಾ. ಆ. ನೇ. ಉಪಾಧ್ಯೆಯವರು ಇದನ್ನೊಪ್ಪದೆ, ಗೊಮ್ಮಟವೆಂಬುದು ಚಾವುಂಡರಾಯನ ಮನೆಯ ಹೆಸರು, ಮರಾಠಿಯ ‘ಗೋಮಟಾ’ ಶಬ್ದದೊಡನೆ ಸಂಬಂಧವುಳ್ಳದ್ದು, ಚೆಲುವ, ಒಳ್ಳೆಯವ, ಮೆಚ್ಚಿಕೆಯವ ಎಂದು ಅದರ ಅರ್ಥ ಎಂದರು. ಇಬ್ಬರೂ ಗಡಿಯ ಸೀಮೆಯವರು. ಪೈಗಳದು ಕೊಂಕಣಿ ಮನೆಮಾತು. ಉಪಾಧ್ಯೆಯವರು ಹುಟ್ಟಿದ ಸದಲಗೆಯಲ್ಲಿ ಕನ್ನಡ ಮರಾಠಿಗಳೆರಡೂ ಬೆರೆತಿವೆ. ಕೊಂಕಣಿಯಲ್ಲಿಯೂ ಈ ಮಾತು ಚೆಲುವೆಂಬ ಅರ್ಥದಲ್ಲಿ ಇದೆ. ಕನ್ನಡ ಮಾತ್ರ ಬಲ್ಲ ಪಂಡಿತರು ಕಾಣಲಾರದುದನ್ನು ಇವರಿಬ್ಬರೂ ಕಂಡದ್ದು ಆಕಸ್ಮಿಕವಲ್ಲ.

ಶಬ್ದಶಾಸ್ತ್ರದ ದೃಷ್ಟಿಯಿಂದ ಪೈಗಳ ಪಕ್ಷಕ್ಕೆ ಬಲ ಸಾಲದು. ಪ್ರಾಕೃತದಲ್ಲಿ ಮನ್ಮಥ ಶಬ್ದದ ಮೊದಲ ಮಕಾರಕ್ಕೆ ವಕಾರ ಬರುವುದೆಂದು ವರರುಚಿಯೂ ಹೇಮಚಂದ್ರರೂ ವಿಧಿಸಿದ್ದಾರೆ. ಪ್ರಾಕೃತ ಕಾವ್ಯಗಳಲ್ಲಿ ದೊರೆಯುವ ರೂಪವೂ ‘ವಮ್ಮಹ’ವೇ. ಅದನ್ನು ಗಕಾರಕ್ಕೆ ತಿರುಗಿಸಿ, ಕೊನೆಯ ಹಕಾರವನ್ನು ಟಕಾರ ಮಾಡುವುದು ಕಷ್ಟಸಾಧ್ಯ. ಇನ್ನು ಮಾಡಿಸಿದವನ ಹೆಸರು ದೇವರಿಗೆ ಬರುವುದಂತೂ ಹಾಸನದ ನಾಡಿಗೆ ಹೊಸದಲ್ಲ. ಹಳೇಬೀಡಿನ ಜೋಡಿ ಗುಡಿಯಲ್ಲಿ ಹೊಯ್ಸಳೇಶ್ವರನೂ ಶಾಂತಲೇಶ್ವರನೂ ಇಂದಿಗೂ ಇದ್ದಾರೆ. ಹಾಗೆಯೇ ಗೊಮ್ಮಟನ ಈಶ್ವರನು ಗೊಮ್ಮಟೇಶ್ವರ. ಮುಂದೆ ಜನರು ಈಶ್ವರ ಪದವನ್ನು ಬಿಟ್ಟು ಗೊಮ್ಮಟನೆಂದರು.

ಒಂದು ಆಕ್ಷೇಪವನ್ನು ಇಲ್ಲಿ ಎತ್ತಬಹುದು. ಚಾವುಂಡರಾಯನ ಕಾಲದ ಬೆಳ್ಗೊಳಕ್ಕೆ ಮರಾಠಿಯ ಮಾತು ಹೇಗೆ ಬಂದಿತು? ಮರಾಠಿಯಲ್ಲಿ ಈ ಶಬ್ದ ಧಾರಾಳವಾಗಿ ದೊರೆಯುವುದು 1290ರ ಜ್ಞಾನೇಶ್ವರಿಯಲ್ಲಿ. ವಿಗ್ರಹದ ಪಾದದ ಬಳಿ ಕನ್ನಡ, ತಮಿಳುಗಳ ಜೊತೆಗೆ ನಾಗರ ಲಿಪಿಯಲ್ಲಿರುವ ಸಾಲಿನ ಭಾಷೆ ಮರಾಠಿಯೆಂದು ಕೆಲವರು, ಕೊಂಕಣಿಯೆಂದು ಕೆಲವರು ಹೇಳುತ್ತಾರೆ. ಅದು ಪ್ರತಿಷ್ಠೆಯ ಕಾಲದ್ದೋ, ಗಂಗರಾಜನು ಸುತ್ತಾಲಯವನ್ನು ಕಟ್ಟಿಸಿದ 12ನೆಯ ಶತಮಾನದ ಮೊದಲ ಭಾಗದ್ದೋ ಎಂಬಲ್ಲಿಯೂ ಭಿನ್ನಾಭಿಪ್ರಾಯವುಂಟು. ಏನೇ ಇರಲಿ, ಆ ಭಾಷೆಯನ್ನು ಓದಬಲ್ಲ ಯಾತ್ರಿಕರು ಆ ಬೆಟ್ಟವನ್ನು ಹತ್ತುತ್ತಿದ್ದರೆಂಬುದು ಸ್ಪಷ್ಟ. ಮನೆಯಲ್ಲಿ ಮುದ್ದಿನಿಂದ ಕರೆಯುವ ಹೆಸರುಗಳು ಭಾಷೆಯ ಗಡಿಯನ್ನು ಲೆಕ್ಕಿಸುವುದಿಲ್ಲ. ಅವು ಗ್ರಂಥಕ್ಕೆ ಏರುವುದು ಬಹಳ ತಡವಾಗಿ.

ಆದರೆ ಪೈಗಳ ಪಕ್ಷವನ್ನು ಪೂರ್ಣವಾಗಿ ತಳ್ಳಿಹಾಕಲು ನಮಗೆ ಮನಸ್ಸಿಲ್ಲ. ವ್ಯುತ್ಪತ್ತಿ ತಪ್ಪಾದರೂ ಅವರು ಒಂದು ಭಾವವನ್ನು ಸರಿಯಾಗಿ ಹಿಡಿದರು. ಜಿನಸೇನಾಚಾರ್ಯರ ಆದಿಪುರಾಣದಲ್ಲಿ ಯುವಕ ಬಾಹುಬಲಿಯನ್ನು ಕಂಡ ಹೆಂಗಳೆಯರು ಅವನನ್ನು ಮನೋಭವ, ಮನೋಜ, ಮನ್ಮಥ, ಅಂಗಜ, ಮದನ ಎಂದು ಕರೆದರೆಂದಿದೆ. ಆಚಾರ್ಯರು ಆ ಹೆಸರುಗಳನ್ನು ಹೆಂಗಳೆಯರ ಬಾಯಲ್ಲಿ ಇಟ್ಟಿರುವುದನ್ನು ನೋಡಬೇಕು. ಅವು ಅವನಿಗೆ ತಂದೆ ಇಟ್ಟ ಹೆಸರುಗಳಲ್ಲ. ಕಂಡವರ ಪ್ರೀತಿಯಿಂದ ಹುಟ್ಟಿದುವು. ಇದೇ ಸುಭಗತ್ವ. ಗಂಗರ ಮಂತ್ರಿಯ ಮನೆಯಲ್ಲಿ ಮಗುವೊಂದನ್ನು ಗೊಮ್ಮಟನೆಂದು ಕರೆದವರ ಬಾಯಿಯಲ್ಲೂ ಇದೇ ಪ್ರೀತಿ ಇದ್ದಿರಬೇಕು. ಹೀಗೆ ರಾಯನ ಮುದ್ದಿನ ಹೆಸರೂ ದೇವರ ಪುರಾಣಪ್ರಸಿದ್ಧ ಗುಣವೂ ಒಂದೇ ಅರ್ಥದಲ್ಲಿ ಸಂಧಿಸಿದುದರಿಂದ ಆ ಹೆಸರು ಬಾಹುಬಲಿಯಲ್ಲಿ ನೆಲೆನಿಂತಿತು. ಕುಕ್ಕುಟೇಶ್ವರ ಎಂಬುದು ಹಿಂದೆ ಸರಿಯಿತು. ಉಪಾಧ್ಯೆಯವರದು ಹೆಸರು ಎಲ್ಲಿಂದ ಬಂದಿತೆಂಬುದಕ್ಕೆ ಉತ್ತರ. ಅದು ಏಕೆ ಉಳಿಯಿತೆಂಬುದಕ್ಕೆ ಉತ್ತರ ಪೈಗಳ ವಾದದಲ್ಲಿದೆ.

ಕಾಮವನ್ನು ಬಿಟ್ಟು ನಿಂತವನಿಗೆ ಸೆಳೆತದ ಹೆಸರು ತಕ್ಕುದೇ ಎಂದು ಸಂಕೋಚಪಡುವವರಿದ್ದಾರೆ. ಇದೇ ಕಾರಣದಿಂದ ಈ ಶಬ್ದಕ್ಕೆ ಎಲ್ಲಿಂದಲೋ ಆಧ್ಯಾತ್ಮಿಕ ವ್ಯುತ್ಪತ್ತಿಗಳನ್ನು ತರುವ ಪ್ರಯತ್ನಗಳೂ ನಡೆದಿವೆ. ಅದು ಅನವಶ್ಯಕ. ಸುಭಗವು ಪುಣ್ಯಪ್ರಕೃತಿಗಳಲ್ಲಿ ಒಂದು. ಅದು ಇತರರಲ್ಲಿ ಪ್ರೀತಿಯನ್ನು ಹುಟ್ಟಿಸುತ್ತದೆಯೇ ಹೊರತು ಅದನ್ನುಳ್ಳವನಲ್ಲಿ ರಾಗವಿರಬೇಕೆಂದು ವಿಧಿಸುವುದಿಲ್ಲ; ರಾಗವು ಮೋಹನೀಯಕ್ಕೆ ಸೇರಿದುದು, ನಾಮಕರ್ಮಕ್ಕಲ್ಲ. ಸುಮಾರು 1180ರ ತನ್ನ ಶಾಸನದಲ್ಲಿ ಬೊಪ್ಪಣ ಪಂಡಿತನು ಎತ್ತರ, ಚೆಲುವು, ಅತಿಶಯ ಈ ಮೂರೂ ಒಂದೇ ಬಿಂಬದಲ್ಲಿ ಕೂಡಿರುವುದನ್ನು ಕೊಂಡಾಡುವಾಗ ಚೆಲುವನ್ನು ಹೇಳಲು ನಾಚಿಕೊಳ್ಳಲಿಲ್ಲ.

ಮತ್ತೆ ಮಲೆಯ ಕಡೆಗೆ ಬರೋಣ. ಬೆಳ್ಗೊಳದ ಗೊಮ್ಮಟನಿಗೂ ಘಟ್ಟದ ಕೆಳಗಿನ ಕಾರ್ಕಳ (1432), ವೇಣೂರುಗಳ (1604) ಗೊಮ್ಮಟರಿಗೂ ನಡುವೆ ಇರುವುದು ಈ ಸಕಲೇಶಪುರ, ಆಲೂರುಗಳ ಸೀಮೆ. ಇಂದಿಗೂ ಹಾಸನದಿಂದ ಮಂಗಳೂರಿಗೆ ಇಳಿಯುವ ರೈಲು ಆಲೂರು, ಸಕಲೇಶಪುರಗಳನ್ನು ಹಾದೇ ಹೋಗಬೇಕು. ಸಕಲೇಶಪುರದ ಪೇಟೆಯಲ್ಲಿ ಕನ್ನಡದ ಜೊತೆಗೆ ತುಳು, ಕೊಂಕಣಿಗಳು ಕಿವಿಗೆ ಬೀಳುತ್ತವೆ. ಈ ಮಲೆಯ ಹಳ್ಳಿಗಳಲ್ಲಿ ಹೆಣ್ಣು ನೋಡಿ ಬಂದವರ ಮಾತನ್ನು ಕೇಳಬೇಕು. ‘ಬಣ್ಣವೇನೋ ಇದೆ, ಮುಖದಲ್ಲಿ ಕಳೆ ಇಲ್ಲ’ ಎನ್ನುತ್ತಾರೆ. ಇಲ್ಲವೇ ‘ಕಪ್ಪಾದರೂ ಲಕ್ಷಣವಾಗಿದ್ದಾಳೆ’ ಎನ್ನುತ್ತಾರೆ. ರೂಪವನ್ನೂ ಸುಭಗವನ್ನೂ ಬೇರೆ ಮಾಡಿದ ಪೂಜ್ಯಪಾದರ ಮಾತನ್ನು ಇವರು ಕೇಳಿದವರಲ್ಲ, ಆದರೂ ಭೇದವನ್ನು ಬಲ್ಲರು. ಮರಾಠಿಯವರು ಇಂಥದೇ ಸಂದರ್ಭದಲ್ಲಿ ‘ಗೋರೀ ಗೋಮಟೀ’ ಎನ್ನುತ್ತಾರೆ. ಗೋರೀ ಬಣ್ಣಕ್ಕೆ, ಗೋಮಟೀ ಕಳೆಗೆ. ಚಾವುಂಡರಾಯನ ಹೆಸರು ಆ ನುಡಿಗಳಲ್ಲಿ ಇನ್ನೂ ಮದುವೆಯ ಮಾತಾಗಿಯೇ ಉಳಿದಿದೆ. ಕನ್ನಡದಲ್ಲಿ ಮಾತ್ರ ಅದು ದೇವರ ಹೆಸರಾದುದರಿಂದ ಮನುಷ್ಯರ ಚೆಲುವಿಗೆ ಬಳಸಲು ಯಾರೂ ಮುಂದಾಗಲಿಲ್ಲ; ಗುಮ್ಮಟಣ್ಣ ಎಂಬಂತಹ ವ್ಯಕ್ತಿನಾಮಗಳೂ ದೇವರಿಂದ ಬಂದುವೇ ಹೊರತು ಚೆಲುವಿನಿಂದಲ್ಲ. ಸೊಬಗು ಎಂಬುದೂ ಮದುವೆಯ ಮಾತಿನಿಂದ ತಪ್ಪಿಸಿಕೊಂಡು ಬಿಸಿಲೆಯ ಕಾಡಿಗೆ ಹೋಗಿ ಸೇರಿತು.

ಹಸ್ತಪ್ರತಿಗಳನ್ನು ಪರಿಷ್ಕರಿಸುವವರಿಗೆ ಒಂದು ಮಾತು. ಓಲೆಗರಿಗಳಲ್ಲಿ ಈ ಶಬ್ದಕ್ಕೆ ಗೊಮ್ಮಟ, ಗೊಂಮಟ, ಗೊಮಟ, ಗುಮ್ಮಟ ಎಂಬ ರೂಪಗಳಿರುತ್ತವೆ. ಹಳೆಯ ಕನ್ನಡ ಲಿಪಿಯಲ್ಲಿ ಒಕಾರ ಓಕಾರಗಳಿಗೆ ಭೇದವನ್ನು ತೋರಿಸುವ ಪದ್ಧತಿ ಇಲ್ಲದಿರುವುದರಿಂದ ‘ಗೊಮಟ’ವೆಂದು ಬರೆದುದು ‘ಗೋಮಟ’ವೂ ಆಗಿರಬಹುದು. ವ್ಯಂಜನದ ಹಿಂದಿನ ಸೊನ್ನೆಯು ಎಷ್ಟೋ ವೇಳೆ ದ್ವಿತ್ವದ ಗುರುತು ಮಾತ್ರ. ‘ಗುಮ್ಮಟ’ವಂತೂ ಗೋಳಾಕಾರದ ಮಾಡನ್ನು ಹೇಳುವ ಪಾರಸಿ ಮೂಲದ ಶಬ್ದದೊಡನೆ ಕಲೆತುಹೋಗಿದೆ, ಅವೆರಡಕ್ಕೂ ಸಂಬಂಧವಿಲ್ಲ. ಇವೆಲ್ಲವನ್ನೂ ‘ಗೊಮ್ಮಟ’ವೆಂದು ತಿದ್ದಿ ಅಚ್ಚುಹಾಕುವ ವಾಡಿಕೆ ಬೆಳೆದಿದೆ. ಒಂಟಿ ಮಕಾರದ ಪಾಠವನ್ನು ಲಿಪಿಕಾರನ ತಪ್ಪೆಂದು ಬಿಡದೆ ಅಡಿಟಿಪ್ಪಣಿಯಲ್ಲಾದರೂ ಉಳಿಸಬೇಕು. ಮರಾಠಿ ಕೊಂಕಣಿಗಳ ರೂಪಕ್ಕೆ ಹತ್ತಿರವಾದುದು ಆ ಪಾಠವೇ.