ಮದ್ಯ ಅವಲಂಬನೆ: ರೋಗನಿರ್ಣಯ ಮತ್ತು ಸಂಕೇತೀಕರಣ

ಮದ್ಯ ಅವಲಂಬನೆ ಎಂದರೆ ಕುಡಿತದ ಮೇಲಿನ ಹಿಡಿತ ತಪ್ಪಿ, ಉಳಿದೆಲ್ಲಕ್ಕಿಂತ ಮದ್ಯವೇ ಮುಖ್ಯವಾಗುವ ಕಾಯಿಲೆ. ಎಷ್ಟು ಕುಡಿದರು ಎಂಬ ಲೆಕ್ಕವೊಂದರಿಂದಲೇ ಇದನ್ನು ನಿರ್ಣಯಿಸಲಾಗದು. 1976ರಲ್ಲಿ ಗ್ರಿಫಿತ್ ಎಡ್ವರ್ಡ್ಸ್ ಮತ್ತು ಮಿಲ್ಟನ್ ಗ್ರಾಸ್ ಇದನ್ನು ಲಕ್ಷಣಗಳ ಸಮೂಹವಾಗಿ ವಿವರಿಸಿದರು. ವಿಶ್ವ ಆರೋಗ್ಯ ಸಂಸ್ಥೆಯ ರೋಗ ವರ್ಗೀಕರಣವಾದ ಐಸಿಡಿ-10ರಲ್ಲಿ ಇದರ ಸಂಕೇತ ಎಫ್10.2. ಅದರ ಪ್ರಕಾರ ತಡೆಯಲಾರದ ಬಯಕೆ, ನಿಯಂತ್ರಣ ತಪ್ಪುವುದು, ಕುಡಿತ ನಿಂತಾಗಿನ ನಡುಕ ಮೊದಲಾದ ತೊಂದರೆಗಳು, ಅಮಲಿಗೆ ಹೆಚ್ಚು ಮದ್ಯ ಬೇಕಾಗುವುದು, ಇತರ ಆಸಕ್ತಿಗಳ ಕಡೆಗಣನೆ, ಹಾನಿ ತಿಳಿದೂ ಕುಡಿಯುವುದು ಎಂಬ 6 ಲಕ್ಷಣಗಳಲ್ಲಿ ಕನಿಷ್ಠ 3 ಕಳೆದ ಒಂದು ವರ್ಷದಲ್ಲಿ ಒಟ್ಟಿಗೆ ಕಂಡಿರಬೇಕು. 2022ರಲ್ಲಿ ಜಾರಿಗೆ ಬಂದ ಐಸಿಡಿ-11 ಇವನ್ನು 3 ಕೇಂದ್ರ ಲಕ್ಷಣಗಳಾಗಿ ಅಡಕಗೊಳಿಸಿ, ಕನಿಷ್ಠ 2 ಇದ್ದರೆ 6ಸಿ40.2 ಎಂದು ದಾಖಲಿಸುತ್ತದೆ.

ಇಂಥ ಲಕ್ಷಣಗಳಿಗಿಂತ ರಕ್ತಪರೀಕ್ಷೆಯೇ ಹೆಚ್ಚು ವಸ್ತುನಿಷ್ಠವಲ್ಲವೇ ಎಂಬ ಆಕ್ಷೇಪವಿದೆ. ಯಕೃತ್ತಿನ ಕಿಣ್ವವನ್ನು ಅಳೆಯುವ ಜಿಜಿಟಿಯಂಥ ಪರೀಕ್ಷೆಗಳು ಅತಿಯಾದ ಕುಡಿತದ ಸುಳಿವು ಕೊಡಬಲ್ಲವು, ಹಿಡಿತ ತಪ್ಪಿದ್ದನ್ನು ತೋರಿಸಲಾರವು. ಆದ್ದರಿಂದ ವಿವರವಾದ ಸಂದರ್ಶನಕ್ಕೆ ಪರ್ಯಾಯವಿಲ್ಲ. ಸಂಕೇತ ಬರೆದರೆ ರೋಗಿಗೆ ಕಳಂಕ ಅಂಟುತ್ತದೆ ಎಂಬ ಆತಂಕವೂ ನ್ಯಾಯವಾದದ್ದೇ. ಆದರೆ ಕುಡಿತದಿಂದಾದ ಯಕೃತ್ತಿನ ಕಾಯಿಲೆಯನ್ನಷ್ಟೇ ದಾಖಲಿಸಿ ಅವಲಂಬನೆಯನ್ನು ಮುಚ್ಚಿಟ್ಟರೆ, ಆಸ್ಪತ್ರೆಯಲ್ಲಿ ಮದ್ಯ ಥಟ್ಟನೆ ನಿಂತಾಗ ಬರಬಹುದಾದ ಫಿಟ್ಸ್ ಮತ್ತು ಸನ್ನಿಗೆ ಯಾರೂ ಸಿದ್ಧರಿರುವುದಿಲ್ಲ. ಭಾರತದ 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ ಮದ್ಯದ ದುರ್ಬಳಕೆಗೆ ಸಂಬಂಧಿಸಿದ ಸ್ಥಿತಿಗಳನ್ನು ಮಾನಸಿಕ ಅಸ್ವಸ್ಥತೆಯ ವ್ಯಾಖ್ಯೆಯೊಳಗೆ ತಂದು, ರೋಗಿಗೆ ಗೋಪ್ಯತೆಯ ಹಕ್ಕನ್ನೂ ನೀಡಿದೆ. ಕಳಂಕಕ್ಕೆ ಮದ್ದು ಗೋಪ್ಯತೆಯ ಪಾಲನೆಯೇ ಹೊರತು ಅಪೂರ್ಣ ದಾಖಲೆಯಲ್ಲ.