ಸವೆಯುವ ಬಿಲ್ಲೆಯ ಚರಿತ್ರೆ

ಕಾರಿನ ಮುಂದಿನ ಚಕ್ರವನ್ನು ಕಳಚಿದರೆ ಒಳಗೆ ಊಟದ ತಟ್ಟೆಯಷ್ಟು ಅಗಲದ ಬೀಡುಕಬ್ಬಿಣದ ಬಿಲ್ಲೆಯೊಂದು ಕಾಣುತ್ತದೆ. ಅದೇ ಬ್ರೇಕ್ ಡಿಸ್ಕ್. ಅದರ ಅಂಚಿನಲ್ಲಿಯೋ, ನಡುವಿನ ಟೋಪಿಯಂಥ ಭಾಗದ ಮೇಲೋ ಒಂದು ಪುಟ್ಟ ಬರಹ ಅಚ್ಚಾಗಿರುತ್ತದೆ: ‘ಮಿನ್ ಟಿಎಚ್ 20 ಎಂಎಂ’, ಅಥವಾ ಆ ಕಾರಿಗೆ ತಕ್ಕ ಬೇರೊಂದು ಅಂಕಿ. ಕನಿಷ್ಠ ದಪ್ಪ ಎಂದು ಅದರ ಅರ್ಥ. ಬಿಲ್ಲೆ ಅದಕ್ಕಿಂತ ತೆಳುವಾದರೆ ಅದನ್ನು ನಂಬಕೂಡದೆಂದು ತಯಾರಕನೇ ಬರೆದುಕೊಟ್ಟ ಮುಚ್ಚಳಿಕೆ ಅದು. ನಾವು ಕೊಳ್ಳುವ ವಸ್ತುಗಳಲ್ಲಿ ತನ್ನ ಆಯುಷ್ಯದ ಕೊನೆಯನ್ನು ಮೈಮೇಲೆಯೇ ಬರೆದುಕೊಂಡು ಬರುವಂಥವು ಕಡಿಮೆ. ಎಂಜಿನ್ನಿನ ಚರಿತ್ರೆಯನ್ನು ಬರೆದವರು ಬೇಕಾದಷ್ಟಿದ್ದಾರೆ. ನಿಲ್ಲುವ ವಿದ್ಯೆಯ ಚರಿತ್ರೆ ಅಷ್ಟಾಗಿ ಯಾರ ಕಣ್ಣಿಗೂ ಬಿದ್ದಿಲ್ಲ. ಈ ಅಂಕಿ ಅಲ್ಲಿಗೆ ಬಂದು ಕೂತದ್ದು ಹೇಗೆಂದು ತಿಳಿದರೆ, ಗ್ಯಾರೇಜಿನಲ್ಲಿ ಸವೆದ ಡಿಸ್ಕನ್ನು ಏನು ಮಾಡಬೇಕೆಂಬ ಪ್ರಶ್ನೆಗೂ ಉತ್ತರ ಸಿಗುತ್ತದೆ ಎಂಬುದು ನನ್ನ ನಂಬಿಕೆ.

ಮೊದಲು ಒಂದು ಲೆಕ್ಕ. ಬ್ರೇಕು ವೇಗವನ್ನು ನಾಶಮಾಡುವುದಿಲ್ಲ, ಅದನ್ನು ಶಾಖವಾಗಿ ಪರಿವರ್ತಿಸುತ್ತದೆ. 1200 ಕಿಲೋ ತೂಕದ ಕಾರು ಗಂಟೆಗೆ 80 ಕಿಲೋಮೀಟರ್ ವೇಗದಿಂದ ಪೂರ್ತಿ ನಿಂತಾಗ ಹುಟ್ಟುವ ಶಾಖ ಸುಮಾರು 300 ಕಿಲೋಜೂಲ್. ಹೆಚ್ಚುಕಡಿಮೆ ಒಂದು ಲೀಟರ್ ನೀರನ್ನು ಕುದಿಯುವ ಹಂತಕ್ಕೆ ತರಲು ಬೇಕಾದಷ್ಟು. ಅದೇ ಕಾರು ಆಗುಂಬೆಯಂಥ ಘಟ್ಟದಲ್ಲಿ 500 ಮೀಟರ್ ಕೆಳಗಿಳಿದರೆ ಕಳೆದುಕೊಳ್ಳಬೇಕಾದ ಶಕ್ತಿಯಲ್ಲಿ ಹದಿನೆಂಟು ಲೀಟರ್ ನೀರು ಕುದಿಯುತ್ತದೆ. ಅದರಲ್ಲಿ ಗಾಳಿಯೂ ಎಂಜಿನ್ನೂ ಒಂದಿಷ್ಟು ಪಾಲು ಪಡೆಯುತ್ತವೆ. ಉಳಿದುದೆಲ್ಲ ಬ್ರೇಕಿನ ಪಾಲಿಗೆ. ಘಟ್ಟ ಇಳಿಯುವಾಗ ಕೆಳಗಿನ ಗೇರಿನಲ್ಲಿರಿ ಎಂದು ಹಿರಿಯ ಚಾಲಕರು ಹೇಳುವುದು ಎಂಜಿನ್ನಿನ ಪಾಲನ್ನು ಹೆಚ್ಚಿಸುವುದಕ್ಕೆ. ಬ್ರೇಕಿನ ಇಡೀ ಚರಿತ್ರೆ ಈ ಶಾಖವನ್ನು ಎಲ್ಲಿ ಸಾಗಹಾಕುವುದು ಎಂಬ ಒಂದೇ ಪ್ರಶ್ನೆಯ ಸುತ್ತ ತಿರುಗಿದೆ.

ಕುದುರೆಗಾಡಿಯ ಕಾಲದಲ್ಲಿ ಈ ಪ್ರಶ್ನೆ ಇಳಿಜಾರಿನಲ್ಲಿ ಮಾತ್ರ ಎದುರಾಗುತ್ತಿತ್ತು. ಇಂಗ್ಲೆಂಡಿನ ಕೋಚುಗಳಲ್ಲಿ ಇಳಿಜಾರು ಬಂದಾಗ ಹಿಂದಿನ ಚಕ್ರದಡಿಗೆ ಸರಪಳಿಗೆ ಕಟ್ಟಿದ ಕಬ್ಬಿಣದ ‘ಡ್ರ್ಯಾಗ್ ಶೂ’ವನ್ನು ಸೇರಿಸುತ್ತಿದ್ದರು. ಚಕ್ರ ಉರುಳದೆ ಆ ಕಬ್ಬಿಣದ ಮೇಲೆ ಜಾರುತ್ತಿತ್ತು. 1849ರಲ್ಲಿ ಥಾಮಸ್ ಡಿ ಕ್ವಿನ್ಸಿ ಟಪಾಲು ಕೋಚಿನ ಬಗ್ಗೆ ಬರೆದ ಪ್ರಬಂಧದಲ್ಲಿ, ಸಾರಥಿ ನಿದ್ದೆಹೋದ ಕೋಚೊಂದು ರಾತ್ರಿಯಲ್ಲಿ ಎದುರಿನ ಪುಟ್ಟ ಗಾಡಿಯತ್ತ ನುಗ್ಗುವ ಪ್ರಸಂಗವಿದೆ. ಇಂಗ್ಲಿಷ್ ಎಂ.ಎ. ತರಗತಿಗಳಲ್ಲಿ ಅದನ್ನು ಗದ್ಯಶೈಲಿಗಾಗಿ ಓದಿಸುತ್ತಾರೆ. ನನಗೆ ಅದು ಮನುಷ್ಯ ವೇಗವನ್ನು ಪಡೆದು, ನಿಲುಗಡೆಯನ್ನು ಇನ್ನೂ ಪಡೆಯದ ಕಾಲದ ಸಾಕ್ಷ್ಯವಾಗಿ ಕಾಣುತ್ತದೆ.

ಆ ಶತಮಾನದ ಕೊನೆಯಲ್ಲಿ, 1897ರಲ್ಲಿ, ಡರ್ಬಿಶೈರಿನ ಗುಡ್ಡಗಾಡಿನಲ್ಲಿ ಹರ್ಬರ್ಟ್ ಫ್ರೂಡ್ ಎಂಬವನು ಗಾಡಿಗಳ ಬ್ರೇಕಿಗೆ ಹೊಸ ಬಗೆಯ ಬಿರಡೆಗಳನ್ನು ತಯಾರಿಸತೊಡಗಿದ. ಇಳಿಜಾರಿನಲ್ಲಿ ರೈತರು ಹಳೆಯ ಬೂಟುಗಳನ್ನು ಚಕ್ರಕ್ಕೆ ಒತ್ತಿಕೊಟ್ಟು ಗಾಡಿ ತಡೆಯುತ್ತಿದ್ದುದನ್ನು ಕಂಡು ಅವನಿಗೆ ಈ ಯೋಚನೆ ಹೊಳೆಯಿತೆಂಬ ಕಥೆ ಪ್ರಚಲಿತವಾಗಿದೆ. ಅವನ ಕಂಪನಿಯೇ ಫೆರೋಡೊ. ಇಂದಿಗೂ ಬಿಡಿಭಾಗದ ಅಂಗಡಿಗಳಲ್ಲಿ ಕಾಣುವ ಹೆಸರು.

ಡಿಸ್ಕ್ ಬ್ರೇಕಿನ ಕಲ್ಪನೆಯೂ ಅದೇ ಕಾಲದ್ದು. 1902ರಲ್ಲಿ ಬರ್ಮಿಂಗ್‌ಹ್ಯಾಮಿನ ಫ್ರೆಡರಿಕ್ ಲ್ಯಾಂಚೆಸ್ಟರ್ ಅದಕ್ಕೆ ಪೇಟೆಂಟ್ ಪಡೆದ. ಯುದ್ಧದಲ್ಲಿ ಸೇನೆಗಳ ಬಲಾಬಲವನ್ನು ಸಮೀಕರಣಗಳಲ್ಲಿ ಹಿಡಿದಿಟ್ಟ ಲ್ಯಾಂಚೆಸ್ಟರ್ ಇವನೇ. ತಿರುಗುವ ತೆಳು ಲೋಹದ ಬಿಲ್ಲೆಯನ್ನು ಎರಡೂ ಕಡೆಯಿಂದ ಚಿಮ್ಮಟದಂತೆ ಒತ್ತಿಹಿಡಿಯುವುದು ಅವನ ಯುಕ್ತಿ. ಆದರೆ ಒತ್ತುವ ಭಾಗಕ್ಕೆ ತಾಮ್ರದ ಹೊದಿಕೆಯಿತ್ತು. ಲೋಹ ಲೋಹವನ್ನು ಉಜ್ಜಿ ಕಿವಿ ಕೀಳುವಂತೆ ಕಿರುಚುತ್ತಿತ್ತು. ಧೂಳಿನ ರಸ್ತೆಗಳಲ್ಲಿ ತಾಮ್ರ ಬೇಗ ಸವೆದುಹೋಗುತ್ತಿತ್ತು. 1907ರ ಸುಮಾರಿಗೆ ಆ ಕಿರುಚಾಟವನ್ನು ಅಡಗಿಸಿದವನು ಫ್ರೂಡ್. ಅವನು ಬಳಸಿದ್ದು ಕಲ್ನಾರು, ಅಂದರೆ ಆಸ್ಬೆಸ್ಟಾಸ್. ಎಷ್ಟು ಕಾದರೂ ಸುಡದ, ಅಗ್ಗದ, ನೂಲಬಹುದಾದ ಕಲ್ಲು.

ಅದನ್ನು ನೂತವರ ಕಥೆಯನ್ನು ಇಲ್ಲಿ ಹೇಳದೆ ಮುಂದೆ ಹೋಗುವಂತಿಲ್ಲ. ಲ್ಯಾಂಕಾಶೈರಿನ ರಾಚ್‌ಡೇಲಿನಲ್ಲಿ ಟರ್ನರ್ ಬ್ರದರ್ಸ್ ಕಾರ್ಖಾನೆಯಲ್ಲಿ ಕಲ್ನಾರು ನೂಲುತ್ತಿದ್ದ ನೆಲ್ಲಿ ಕರ್ಶಾ ಎಂಬ ಹೆಣ್ಣುಮಗಳು 1924ರಲ್ಲಿ, ಮೂವತ್ತಮೂರರ ಪ್ರಾಯದಲ್ಲಿ, ಶ್ವಾಸಕೋಶ ಗಟ್ಟಿಯಾಗಿ ತೀರಿಕೊಂಡಳು. ಕಲ್ನಾರಿನ ಧೂಳೇ ಕಾರಣವೆಂದು ಡಾಕ್ಟರ್ ವಿಲಿಯಂ ಕುಕ್ ವೈದ್ಯಕೀಯ ಪತ್ರಿಕೆಯಲ್ಲಿ ಬರೆದ. ಕಂಪನಿ ಹೊಣೆ ಒಪ್ಪಲಿಲ್ಲ, ಪರಿಹಾರ ಕೊಡಲಿಲ್ಲ. ಅದೇ ದಶಕದಲ್ಲಿ ಫೆರೋಡೊ ಕೂಡ ಟರ್ನರ್ ಸಮೂಹದ ತೆಕ್ಕೆಗೆ ಸೇರಿತು. ಬ್ರಿಟನ್ ಕಲ್ನಾರನ್ನು ಪೂರ್ತಿ ನಿಷೇಧಿಸಿದ್ದು 1999ರಲ್ಲಿ. ನಮ್ಮಲ್ಲಿ 1995ರಲ್ಲಿ ಸುಪ್ರೀಂ ಕೋರ್ಟು ಕಲ್ನಾರು ಕಾರ್ಮಿಕರ ಪ್ರಕರಣವೊಂದರಲ್ಲಿ, ಕಾರ್ಮಿಕನ ಆರೋಗ್ಯ ಅವನ ಮೂಲಭೂತ ಹಕ್ಕೇ ಎಂದು ಸಾರಿತು. ನಾವು ನಿಶ್ಶಬ್ದವಾಗಿ ನಿಲ್ಲುವುದನ್ನು ಕಲಿತ ಶತಮಾನದ ಬೆಲೆಯನ್ನು ಹೀಗೆ ಕಾರೇ ಇಲ್ಲದ ಜನ ತೆತ್ತಿದ್ದಾರೆ. ಬ್ರೇಕಿನೊಳಗಿನ ಧೂಳನ್ನು ಬಾಯಿಂದಲೋ ಗಾಳಿಯ ಪೈಪಿನಿಂದಲೋ ಊದುವ ಮೆಕ್ಯಾನಿಕನನ್ನು ಕಂಡರೆ ನಾನು ತಡೆಯುತ್ತೇನೆ. ಈಗಿನ ಪ್ಯಾಡುಗಳ ಮೇಲೆ ‘ಕಲ್ನಾರುರಹಿತ’ ಎಂದು ಬರೆದಿರುತ್ತದೆ, ನಿಜ. ಆದರೂ ಅದು ಉಸಿರಿಗೆ ಎಳೆದುಕೊಳ್ಳಬೇಕಾದ ವಸ್ತುವಲ್ಲ. ಒದ್ದೆ ಬಟ್ಟೆಯೂ ಬ್ರೇಕ್ ಕ್ಲೀನರೂ ಸಾಕು.

ಇಷ್ಟಾದರೂ ಕಾರುಗಳು ಡಿಸ್ಕನ್ನು ಒಪ್ಪಲಿಲ್ಲ. ಅರ್ಧ ಶತಮಾನ ಡ್ರಮ್ ಬ್ರೇಕೇ ಆಳಿತು. ಮುಚ್ಚಿದ ಡೋಲಿನೊಳಗೆ ಎರಡು ‘ಶೂ’ಗಳು ಅಗಲಿ ಗೋಡೆಗೆ ಒತ್ತುವ ಏರ್ಪಾಡು ಅದು. ಅಗ್ಗ, ಧೂಳು ಸೇರುವುದು ಕಡಿಮೆ, ಕೈಬ್ರೇಕಿಗೂ ಅನುಕೂಲ. ನಮ್ಮ ಅಂಬಾಸಡರ್ ಮತ್ತು ಪ್ರೀಮಿಯರ್ ಪದ್ಮಿನಿ ಅದರಿಂದಲೇ ದಶಕಗಳನ್ನು ಕಳೆದವು. ಸರ್ಕಾರಿ ಅಂಬಾಸಡರಿನ ಚಾಲಕರು ಪೆಡಲನ್ನು ಒಮ್ಮೆಗೇ ಒತ್ತದೆ ಎರಡು-ಮೂರು ಸಲ ‘ಪಂಪ್’ ಮಾಡುವುದನ್ನು ನಮ್ಮ ತಲೆಮಾರಿನವರೆಲ್ಲ ಕಂಡಿದ್ದೇವೆ. ಮುಂಬೈಯ ಮಳೆಗಾಲದಲ್ಲಿ ನೀರು ಹಾದು ಬಂದ ಟ್ಯಾಕ್ಸಿಯವರು ಬ್ರೇಕಿನ ಮೇಲೆ ಹಗುರವಾಗಿ ಕಾಲಿಟ್ಟುಕೊಂಡೇ ಸ್ವಲ್ಪ ದೂರ ಓಡಿಸಿ ಡ್ರಮ್ಮನ್ನು ಒಣಗಿಸುತ್ತಿದ್ದರು. ಆ ಪದ್ಮಿನಿ ಟ್ಯಾಕ್ಸಿಗಳು 2023ರ ಅಕ್ಟೋಬರಿನಲ್ಲಿ ರಸ್ತೆಯಿಂದ ನಿವೃತ್ತವಾದಾಗ ಅವುಗಳ ಬಣ್ಣವನ್ನು ನೆನೆದು ಬಹಳ ಮಂದಿ ಬರೆದರು, ಬ್ರೇಕನ್ನು ನೆನೆದು ಯಾರೂ ಬರೆದಂತಿಲ್ಲ.

ಡ್ರಮ್ಮಿನ ಮೂಲ ದೋಷ ಅದರ ಆಕಾರದಲ್ಲೇ ಇದೆ. ಕಾದ ಡ್ರಮ್ಮು ಹಿಗ್ಗುತ್ತದೆ. ಹಿಗ್ಗಿದರೆ ಅದರ ಗೋಡೆ ಶೂಗಳಿಂದ ದೂರ ಸರಿಯುತ್ತದೆ. ಪೆಡಲು ಇನ್ನಷ್ಟು ಕೆಳಗಿಳಿಯುತ್ತದೆ. ಬ್ರೇಕು ಬೇಕಾಗಿರುವ ಹೊತ್ತಿನಲ್ಲೇ ಅದು ಕೈಕೊಡುತ್ತದೆ. ಡಿಸ್ಕಾದರೋ ಕಾದರೆ ದಪ್ಪವಾಗಿ ಪ್ಯಾಡುಗಳ ಕಡೆಗೇ ಬರುತ್ತದೆ. ಮೇಲಾಗಿ ಅದು ಗಾಳಿಗೆ ತೆರೆದಿರುವ ವಸ್ತು. ನಡುವೆ ಗಾಳಿಯ ಓಣಿಗಳಿರುವ ಜೋಡಿಪದರದ ಡಿಸ್ಕುಗಳಂತೂ ತಿರುಗುತ್ತಲೇ ಒಳಗಿಂದ ಹೊರಕ್ಕೆ ಗಾಳಿಯನ್ನು ತಳ್ಳುತ್ತವೆ.

ಇದು ಲೋಕಕ್ಕೆ ಮನದಟ್ಟಾಗಲು ಯುದ್ಧವೂ ಪಂದ್ಯವೂ ಬೇಕಾದವು. ಎರಡನೆಯ ಮಹಾಯುದ್ಧದ ವಿಮಾನಗಳು ಭಾರವಾಗಿ, ವೇಗವಾಗಿ ನೆಲಕ್ಕಿಳಿಯತೊಡಗಿದಾಗ ಡಿಸ್ಕಿನ ತಂತ್ರ ಪಳಗಿತು. 1949ರಲ್ಲಿ ಅಮೆರಿಕದ ಕ್ರಾಸ್ಲಿ ಎಂಬ ಸಣ್ಣ ಕಾರು ವಿಮಾನದ ಮಾದರಿಯ ಡಿಸ್ಕನ್ನು ತೊಟ್ಟು ಬಂದಿತು. ಚಳಿಗಾಲದಲ್ಲಿ ರಸ್ತೆಗೆ ಎರಚುವ ಉಪ್ಪು ತಾಕಿ ಬ್ರೇಕು ಜಾಮ್ ಆಗತೊಡಗಿದ್ದರಿಂದ ಬಲುಬೇಗ ಡ್ರಮ್ಮಿಗೆ ಮರಳಿತು. ಗೆದ್ದು ತೋರಿಸಿದ್ದು ಜಾಗ್ವಾರ್. ಡನ್‌ಲಪ್ ತಯಾರಿಸಿದ ಡಿಸ್ಕುಗಳನ್ನು ಪರೀಕ್ಷಾ ಚಾಲಕ ನಾರ್ಮನ್ ಡ್ಯೂಯಿಸ್ ಮತ್ತೆ ಮತ್ತೆ ಓಡಿಸಿ, ದ್ರವ ಕುದಿಯುವುದೇ ಮೊದಲಾದ ಕಾಯಿಲೆಗಳನ್ನು ಒಂದೊಂದಾಗಿ ವಾಸಿಮಾಡಿದ. 1952ರಲ್ಲಿ ಸ್ಟರ್ಲಿಂಗ್ ಮಾಸ್ ರೀಮ್ಸ್‌ನಲ್ಲಿ ಗೆದ್ದ. ಮರುವರ್ಷ ಲೆ ಮಾನ್ಸ್‌ನ 24 ಗಂಟೆಗಳ ಪಂದ್ಯದಲ್ಲಿ ಟೋನಿ ರೋಲ್ಟ್ ಮತ್ತು ಡಂಕನ್ ಹ್ಯಾಮಿಲ್ಟನ್ ಓಡಿಸಿದ ಸಿ-ಟೈಪ್ ಸರಾಸರಿ 100 ಮೈಲಿಗೂ ಮೀರಿದ ವೇಗದಲ್ಲಿ ಮೊದಲಿಗೆ ಬಂತು. ಉಳಿದವರು ಬ್ರೇಕು ಹಿಡಿದ ಮೇಲೂ ಜಾಗ್ವಾರಿನವರು ಓಡುತ್ತಲೇ ಇದ್ದು, ತಿರುವಿನ ಬಳಿ ಹಿಡಿಯುತ್ತಿದ್ದರು. ತಡವಾಗಿ ನಿಲ್ಲಬಲ್ಲವನು ಬೇಗ ತಲುಪುತ್ತಾನೆ ಎಂಬ ವಿಚಿತ್ರ ಸತ್ಯ ಅಲ್ಲಿ ರುಜುವಾತಾಯಿತು.

ಅದರ ಇನ್ನೊಂದು ಮುಖ ಕಂಡದ್ದು 1955ರ ಜೂನ್ 11ರಂದು, ಅದೇ ಲೆ ಮಾನ್ಸ್‌ನಲ್ಲಿ. ಡಿಸ್ಕುಗಳಿದ್ದ ಜಾಗ್ವಾರಿನಲ್ಲಿ ಮೈಕ್ ಹಾಥಾರ್ನ್ ಪಿಟ್ಟಿಗೆ ತಿರುಗಲು ಬ್ರೇಕು ಹಿಡಿದ. ಹಿಂದಿದ್ದ ಆಸ್ಟಿನ್-ಹೀಲಿ ಪಕ್ಕಕ್ಕೆ ಸರಿಯಿತು. ಅದರ ಹಿಂದೆ ಬರುತ್ತಿದ್ದ, ಡ್ರಮ್ ಬ್ರೇಕಿನ ಮರ್ಸಿಡಿಸ್ ಅದಕ್ಕೆ ಬಡಿದು ಪ್ರೇಕ್ಷಕರ ಮೇಲೆ ಸಿಡಿಯಿತು. ಚಾಲಕ ಪಿಯರ್ ಲೆವೆಗ್ ಸೇರಿ ಎಂಬತ್ತಕ್ಕೂ ಹೆಚ್ಚು ಜನ ಸತ್ತರು. ತಪ್ಪು ಯಾರದೆಂಬ ವಾದ ಇಂದಿಗೂ ನಡೆದಿದೆ. ಬ್ರೇಕೊಂದೇ ಕಾರಣವೆಂದು ಯಾರೂ ಹೇಳರು. ಆದರೆ ಒಂದೇ ರಸ್ತೆಯಲ್ಲಿ ನಿಲ್ಲುವ ಶಕ್ತಿ ಬೇರೆ ಬೇರೆಯಾಗಿರುವ ವಾಹನಗಳು ಸಾಲಾಗಿ ಓಡುವುದು ಎಷ್ಟು ಅಪಾಯಕರವೆಂಬುದಕ್ಕೆ ಅದಕ್ಕಿಂತ ಘೋರ ನಿದರ್ಶನ ಬೇಡ. ಹೊಸ ಕಾರೊಂದು ಗಕ್ಕನೆ ನಿಂತಾಗ ಅದರ ಹಿಂದೆ ಸವೆದ ಡಿಸ್ಕಿನ ನಮ್ಮ ಕಾರು ಇದ್ದರೆ, ನಾವಿರುವುದು ಆ ಸಾಲಿನ ಕೊನೆಯ ಸ್ಥಾನದಲ್ಲಿ.

ಅದೇ 1955ರಲ್ಲಿ ಸಿಟ್ರೊಯೆನ್ ಡಿಎಸ್ ಮುಂದಿನ ಚಕ್ರಗಳಿಗೆ ಡಿಸ್ಕಿನೊಡನೆ ಪ್ಯಾರಿಸಿನಲ್ಲಿ ಅನಾವರಣಗೊಂಡಿತು. ಮರುವರ್ಷ ಟ್ರಯಂಫ್ ಟಿಆರ್3 ಬಂತು. ಅಲ್ಲಿಂದ ಡಿಸ್ಕು ಸಂಸಾರಸ್ಥರ ಕಾರಿಗೆ ಇಳಿದ ಕಥೆ ನಿಧಾನದ್ದು, ರೋಚಕವೇನೂ ಅಲ್ಲ.

ಈಗ ಅಂಚಿನ ಅಂಕಿಗೆ ಮರಳಬಹುದು. ಸಣ್ಣ ಕಾರುಗಳ ಮುಂದಿನ ಡಿಸ್ಕಿಗೆ ಸಾಮಾನ್ಯವಾಗಿ ಸವೆಯಲು ಇರುವ ಅವಕಾಶ ಎರಡು ಮಿಲಿಮೀಟರಿನಷ್ಟು; 22 ಇದ್ದದ್ದು 20ಕ್ಕೆ ಬಂದರೆ ಮುಗಿಯಿತು. ಇದು ಕಂಪನಿಗಳು ವ್ಯಾಪಾರಕ್ಕಾಗಿ ಹೂಡಿದ ಆಟವೆಂದು ಹೇಳುವವರಿದ್ದಾರೆ. ಶಾಖದ ಲೆಕ್ಕ ಗೊತ್ತಿದ್ದರೆ ಹಾಗೆನ್ನಿಸದು. ಹದಿನೆಂಟು ಲೀಟರ್ ನೀರನ್ನು ಕುದಿಸಬಲ್ಲ ಶಾಖವನ್ನು ನುಂಗಬೇಕಾದದ್ದು ಈ ಕಬ್ಬಿಣದ ರಾಶಿಯೇ. ರಾಶಿ ಕಡಿಮೆಯಾದಷ್ಟೂ ಉಷ್ಣತೆ ಏರುತ್ತದೆ, ಬಿರುಕು ಹುಟ್ಟುತ್ತದೆ, ಶಾಖ ಕ್ಯಾಲಿಪರಿನ ಮೂಲಕ ಬ್ರೇಕ್ ದ್ರವಕ್ಕೆ ತಲುಪುತ್ತದೆ. ಆ ದ್ರವವೋ ಗಾಳಿಯ ತೇವವನ್ನು ಹೀರುವಂಥದು. ಡಾಟ್ 3 ದರ್ಜೆಯದು ಹೊಸದಿದ್ದಾಗ ಕನಿಷ್ಠ 205 ಡಿಗ್ರಿಯವರೆಗೆ ಕುದಿಯಬಾರದೆಂದು ನಿಯಮ; ತೇವ ಹೀರಿದ ಮೇಲೆ ಆ ಮಿತಿ 140ಕ್ಕೆ ಇಳಿಯುತ್ತದೆ.

ಕಳೆದ ವರ್ಷ ಪುಣೆಯಲ್ಲಿ ನಮ್ಮ ಮನೆಯ ಕಾರಿನ ಮುಂದಿನ ಡಿಸ್ಕುಗಳನ್ನು ಬದಲಿಸಿದೆವು. ಬ್ರೇಕು ಹಿಡಿದಾಗ ಸ್ಟಿಯರಿಂಗ್ ಅದುರುತ್ತಿತ್ತು. ಮೆಕ್ಯಾನಿಕ್ ‘ಲೇಥ್ ಮಾರೂನ್ ದೇತೋ, ಸಾಹೇಬ್’ ಎಂದ. ಲೇತಿನ ಮೇಲೆ ಹೊರೆದು ಸಮಮಾಡಿ ಕೊಡುತ್ತೇನೆ ಎಂದು. ಅಗ್ಗದ ದಾರಿ, ಅನೇಕ ಸಲ ನ್ಯಾಯವಾದದ್ದೂ ಹೌದು. ಆದರೆ ಮೊದಲು ಅಳೆಯಬೇಕು. ಸವೆದ ಡಿಸ್ಕಿನ ಹೊರ ಅಂಚಿನಲ್ಲಿ ಪ್ಯಾಡು ತಾಗದ ಒಂದು ಏಣು ಉಳಿದಿರುತ್ತದೆ. ವರ್ನಿಯರಿನ ದವಡೆ ಅದರ ಮೇಲೆ ಕೂತರೆ ಡಿಸ್ಕು ಹೊಸದೆಂದೇ ಹೇಳುತ್ತದೆ. ಪಿಯುಸಿ ಪ್ರಯೋಗಾಲಯದಲ್ಲಿ ತಿರುವಿದ್ದ ಸ್ಕ್ರೂ ಗೇಜ್ ಇಲ್ಲಿ ಬೇಕು. ಪ್ಯಾಡು ಓಡುವ ಜಾಗದಲ್ಲಿ, ಸುತ್ತಲೂ ಏಳೆಂಟು ಕಡೆ ಅಳೆಯಬೇಕು. ನಮ್ಮದು 20.3ಕ್ಕೆ ಬಂದಿತ್ತು, ಮಿತಿ 20. ಹೊರೆದರೆ ಮಿತಿಯ ಕೆಳಗೆ ಹೋಗುವುದು ಖಚಿತ. ಅಂಕಿ ತೋರಿಸಿದ ಮೇಲೆ ಅವನೂ ವಾದಿಸಲಿಲ್ಲ.

ಇಂಥ ಅದುರಿಗೆ ‘ಡಿಸ್ಕ್ ಬೆಂಡ್ ಆಗಿದೆ’ ಎನ್ನುವುದು ಗ್ಯಾರೇಜಿನ ರೂಢಿ. ಬಹುಪಾಲು ಸಂದರ್ಭಗಳಲ್ಲಿ ಡಿಸ್ಕು ಬಾಗಿರುವುದಿಲ್ಲ; ಸುತ್ತಳತೆಯಲ್ಲಿ ಅದರ ದಪ್ಪ ಕೂದಲೆಳೆಯಷ್ಟು ಹೆಚ್ಚುಕಡಿಮೆಯಾಗಿರುತ್ತದೆ. ಅದಕ್ಕೆ ಕಾರಣ ಹಲವು ಸಲ ಡಿಸ್ಕಿನ ಹಿಂದೆ, ಹಬ್ಬಿನ ಮುಖದ ಮೇಲೆ ಕೂತ ತುಕ್ಕು. ಅದನ್ನು ಉಜ್ಜಿ ತೆಗೆಯದೆ ಹೊಸ ಡಿಸ್ಕು ಕೂರಿಸಿದರೆ ಅದು ಓಲಾಡುತ್ತ ತಿರುಗಿ ಕೆಲವು ಸಾವಿರ ಕಿಲೋಮೀಟರಿನಲ್ಲಿ ಅದೇ ರೋಗ ಮರಳುತ್ತದೆ. ಹತ್ತು ನಿಮಿಷದ ಕೆಲಸ. ಎದುರಿಗೆ ನಿಂತು ಮಾಡಿಸಬೇಕು.

ಆಯ್ಕೆಯ ವಿಷಯಕ್ಕೆ ಬಂದರೆ, ಅಂಗಡಿಯಲ್ಲಿ ತೂತು ಕೊರೆದ, ಗೀರು ಕೊರೆದ ಡಿಸ್ಕುಗಳು ಬೆಡಗಿನಿಂದ ಕೂತಿರುತ್ತವೆ. ಅವು ಪಂದ್ಯದ ಚರಿತ್ರೆಯ ಕುರುಹುಗಳು. ಹಳೆಯ ಪ್ಯಾಡುಗಳು ಕಾದಾಗ ಬಿಡುತ್ತಿದ್ದ ಅನಿಲಕ್ಕೆ ಹೊರದಾರಿ ಕೊಡಲು ಹುಟ್ಟಿದವು. ಮಕ್ಕಳನ್ನು ಶಾಲೆಗೆ ಬಿಡುವ ಕಾರಿಗೆ ಅವು ಬೇಡ. ತೂತಿನ ಅಂಚಿನಿಂದಲೇ ಬಿರುಕು ಶುರುವಾಗುವುದು. ಕಂಪನಿ ಹೇಳಿದ ವ್ಯಾಸ ಮತ್ತು ದಪ್ಪದ, ಗಾಳಿಯ ಓಣಿಗಳಿರುವ ಸಾದಾ ಬೀಡುಕಬ್ಬಿಣದ್ದೇ ಸಾಕು. ಬೀಡು ಹಳೆಯ ಲೋಹವೆಂದು ಕೀಳಾಗಿ ಕಾಣಬೇಕಿಲ್ಲ. ಅದರೊಳಗಿನ ಗ್ರಾಫೈಟ್ ಎಸಳುಗಳು ಶಾಖವನ್ನು ಬೇಗ ಹಂಚುತ್ತವೆ, ಕಂಪನವನ್ನು ನುಂಗುತ್ತವೆ. ಡಿಸ್ಕುಗಳನ್ನು ಎಡಬಲ ಜೋಡಿಯಾಗಿಯೇ ಬದಲಿಸಬೇಕು, ಪ್ಯಾಡುಗಳೂ ಹೊಸವಿರಬೇಕು. ಹೊಸ ಡಿಸ್ಕಿನ ಮೈಗೆ ಬಳಿದಿರುವ ಎಣ್ಣೆಯನ್ನು ಒರೆಸಿ, ಮೊದಲ ಇನ್ನೂರು-ಮುನ್ನೂರು ಕಿಲೋಮೀಟರ್ ಗಕ್ಕನೆ ಹಿಡಿಯದೆ ಮೃದುವಾಗಿ ಬಳಸಿದರೆ ಎರಡೂ ಮೈಗಳು ಹೊಂದಿಕೊಳ್ಳುತ್ತವೆ. ನಮ್ಮಂತೆ ಬೇಸಿಗೆ ರಜೆಗೆ ಊರಿಗೆ ಹೋಗಿ ತಿಂಗಳುಗಟ್ಟಲೆ ಕಾರನ್ನು ಸೊಸೈಟಿಯಲ್ಲಿ ಬಿಡುವವರು ಒಂದನ್ನು ನೆನಪಿಡಬೇಕು: ರಾತ್ರಿಯ ಮಳೆಗೆ ಹಿಡಿದ ಕೆಂಪು ತುಕ್ಕು ನಾಲ್ಕು ಸಲ ಬ್ರೇಕು ಒತ್ತಿದರೆ ಹೋಗುತ್ತದೆ, ಸಮುದ್ರದ ಗಾಳಿಯಲ್ಲಿ ತಿಂಗಳುಗಟ್ಟಲೆ ಕೂತ ತುಕ್ಕು ಗುಳಿ ತೋಡುತ್ತದೆ.

ಚರಿತ್ರೆ ಮಾತ್ರ ಡಿಸ್ಕಿನಲ್ಲಿ ಬಂದು ನಿಂತಿಲ್ಲ. ಕಲ್ನಾರಿನ ನಂತರ ಪ್ಯಾಡಿನ ಮಿಶ್ರಣಕ್ಕೆ ಸೇರಿದ ವಸ್ತುಗಳಲ್ಲಿ ಲ್ಯಾಂಚೆಸ್ಟರನ ತಾಮ್ರವೂ ಇತ್ತು. ಮಳೆನೀರಿನೊಡನೆ ಹೊಳೆ ಸೇರಿ ಮೀನುಗಳಿಗೆ ಕುತ್ತಾಗುತ್ತದೆಂದು 2010ರಲ್ಲಿ ಕ್ಯಾಲಿಫೋರ್ನಿಯಾ ಅದನ್ನೂ ಹಂತಹಂತವಾಗಿ ಹೊರಹಾಕುವ ಕಾನೂನು ಮಾಡಿತು. ಯುರೋಪಿನ ಯುರೋ 7 ನಿಯಮ ಹೊಗೆಯ ಜೊತೆಗೆ ಬ್ರೇಕಿನಿಂದ ಹಾರುವ ಕಣಗಳಿಗೂ ಮಿತಿ ಹಾಕಿದೆ. ವಿದ್ಯುತ್ ಕಾರುಗಳಲ್ಲಿ ಮೋಟಾರೇ ವೇಗವನ್ನು ಹಿಂದಕ್ಕೆಳೆದು ಬ್ಯಾಟರಿಗೆ ತುಂಬುವುದರಿಂದ ಬ್ರೇಕಿಗೆ ಕೆಲಸವೇ ಕಡಿಮೆ. ಅಲ್ಲಿ ಡಿಸ್ಕು ಸವೆಯುವುದಕ್ಕಿಂತ ಹೆಚ್ಚಾಗಿ ತುಕ್ಕು ಹಿಡಿಯುತ್ತದೆ. ಅದಕ್ಕೆಂದೇ ಫೋಕ್ಸ್‌ವ್ಯಾಗನ್ ತನ್ನ ಐಡಿ.3 ಮತ್ತು ಐಡಿ.4 ಕಾರುಗಳ ಹಿಂದಿನ ಚಕ್ರಗಳಿಗೆ ಡ್ರಮ್ಮನ್ನು ಮರಳಿ ತಂದಿದೆ.