ಕಡತ ಅಳಿಸುವ ಮುನ್ನ

ಕೈಯಲ್ಲಿ ಹಿಡಿದು ಆಡುವ ಆಟದ ಯಂತ್ರಗಳ ಬಗೆಗೆ ಮೇಷ್ಟ್ರು ಬರೆಯತೊಡಗಿದರೆಂದು ನನ್ನ ಹಳೆಯ ವಿದ್ಯಾರ್ಥಿಗಳು ಮುಸಿಮುಸಿ ನಕ್ಕಾರು. ಆದರೆ ಬೇಸಿಗೆಯ ರಜೆಯಲ್ಲಿ ಮಕ್ಕಳನ್ನು ಕರೆದುಕೊಂಡು ಹೊಳಲ್ಕೆರೆಗೆ ಬಂದಾಗ ಈ ದೂರನ್ನು ತರುವವರೂ ಅವರೇ. "ಸಾರ್, ಇದರಲ್ಲಿ ಜಾಗ ತುಂಬಿಹೋಗಿದೆಯಂತೆ. ಹೊಸ ಆಟ ಹಾಕಬೇಕಾದರೆ ಹಳೆಯದನ್ನು ತೆಗೆಯಬೇಕಂತೆ. ತೆಗೆಯೋಣವೆಂದರೆ ಎಲ್ಲವೂ ಹೋಗುತ್ತದೆಂದು ಇವನು ಅಳುತ್ತಾನೆ." ಆ ಅಳುವಿನಲ್ಲಿ ನ್ಯಾಯವಿದೆಯೆಂಬುದು ನನ್ನ ಅಭಿಪ್ರಾಯ. ಅದಕ್ಕೆ ನಮ್ಮ ನಾಡಿನಲ್ಲಿ ಇನ್ನೂರು ವರ್ಷಗಳಿಗೂ ಹಿಂದಿನ ಒಂದು ಚರಿತ್ರೆಯೂ ಇದೆ.

ನಮ್ಮ ಬಾಲ್ಯದಲ್ಲಿ ಆಟವನ್ನು ತೆಗೆಯುವುದೆಂದರೆ ಜಗಲಿಯ ಮೇಲೆ ಬರೆದ ಚೌಕಾಬಾರದ ಮನೆಗಳನ್ನು ಒದ್ದೆ ಬಟ್ಟೆಯಿಂದ ಒರೆಸುವುದು. ಇದ್ದಿಲಿನಲ್ಲಿಯೋ ಬಳಪದಲ್ಲಿಯೋ ಮನೆ ಬರೆದು, ಕವಡೆ ಹಾಕಿ ಆಡುತ್ತಿದ್ದೆವು. ಯಾರೋ ಹಿರಿಯರು ಬಂದರೆಂದು ಅಮ್ಮ ಅದನ್ನು ಒರೆಸಿಬಿಟ್ಟರೆ ಆಟವೇನೂ ಹೋಗುತ್ತಿರಲಿಲ್ಲ. ಅದರ ನಿಯಮ ನಮ್ಮ ತಲೆಯಲ್ಲಿತ್ತು, ಮರುಗಳಿಗೆಯೇ ಮತ್ತೆ ಬರೆದುಕೊಳ್ಳಬಹುದಿತ್ತು. ಹೋಗುತ್ತಿದ್ದುದು ಯಾರ ಕಾಯಿ ಎಲ್ಲಿಯವರೆಗೆ ಬಂದಿತ್ತೆಂಬ ಲೆಕ್ಕ. ಕಾಯಿ ಹಣ್ಣಾಗಲು ಒಂದೇ ಮನೆ ಉಳಿದಿದ್ದವನು ಅಳುತ್ತಿದ್ದ. ಒಂದು ಕಾಯಿಯನ್ನೂ ಹೊರಡಿಸಲಾಗದವನು ನಗುತ್ತಿದ್ದ. ಹಂಪೆಯ ಮಂಟಪಗಳಲ್ಲಿ ನೆಲದ ಕಲ್ಲಿನ ಮೇಲೆ ಕೊರೆದ ಆಟದ ಮನೆಗಳನ್ನು ಇಂದಿಗೂ ಕಾಣಬಹುದು. ಅಲ್ಲಿ ಕುಳಿತು ಆಡಿದವರಲ್ಲಿ ಗೆದ್ದವರು ಯಾರೆಂಬುದು ಯಾವ ಕಲ್ಲಿನಲ್ಲಿಯೂ ಇಲ್ಲ. ಆಟ ಬೇರೆ, ಆಡಿದ ಲೆಕ್ಕ ಬೇರೆ. ಮುಂದಿನದನ್ನು ಓದುವಾಗ ಈ ಭೇದ ನೆನಪಿನಲ್ಲಿರಲಿ.

ಇನ್ನು ಕಡತದ ವಿಚಾರ. ಕಡತವೆಂದರೆ ಇಂದು ನಮಗೆ ತಾಲ್ಲೂಕು ಕಚೇರಿಯ ಕೆಂಪುದಾರ ಕಟ್ಟಿದ ಕಾಗದದ ಕಂತೆ ನೆನಪಾಗುತ್ತದೆ. ಕಂಪ್ಯೂಟರನ್ನು ಕನ್ನಡಕ್ಕೆ ತಂದವರು 'ಫೈಲ್' ಎಂಬುದಕ್ಕೂ ಇದೇ ಮಾತನ್ನು ಆರಿಸಿಕೊಂಡರು. ಆದರೆ ಮೂಲದಲ್ಲಿ ಕಡತವು ಕಾಗದವೇ ಅಲ್ಲ, ಬಟ್ಟೆ. ಹತ್ತಿಯ ಬಟ್ಟೆಗೆ ಹುಣಿಸೆಬೀಜದ ಅಂಟಿನಲ್ಲಿ ಇದ್ದಿಲ ಪುಡಿ ಕಲಸಿ ಎರಡೂ ಮಗ್ಗುಲಿಗೆ ಬಳಿದು, ಒಣಗಿಸಿ, ಕತ್ತರಿಸದೆ ಒಂದೇ ಅಳತೆಯ ಮಡಿಕೆಗಳಾಗಿ ಮಡಿಚಿಡುತ್ತಿದ್ದರು. ಅದರ ಮೇಲೆ ಬಳಪದ ಕಡ್ಡಿಯಿಂದ ಬರೆಯುತ್ತಿದ್ದರು. ಬೇಡವಾದಾಗ ಸ್ಲೇಟಿನಂತೆ ಒರೆಸಿ ಅದೇ ಜಾಗದಲ್ಲಿ ಬೇರೆಯದನ್ನು ಬರೆಯಬಹುದಿತ್ತು. ಮೈಸೂರಿನಲ್ಲಿ ಬ್ರಿಟಿಷ್ ರೆಸಿಡೆಂಟನಾಗಿದ್ದ ಮಾರ್ಕ್ ವಿಲ್ಕ್ಸ್, 1810ರಲ್ಲಿ ಮೊದಲ ಸಂಪುಟ ಹೊರಬಂದ ತನ್ನ ಚರಿತ್ರೆಯ ಗ್ರಂಥದಲ್ಲಿ ಇದನ್ನು ವಿವರವಾಗಿ ವರ್ಣಿಸಿದ್ದಾನೆ. ಅಗಲ 8 ಅಂಗುಲದಿಂದ ಒಂದು ಅಡಿ, ಉದ್ದ 12ರಿಂದ 18 ಅಡಿ. ಸ್ಥಿತಿವಂತರ ಕಡತಕ್ಕೆ ಎರಡು ತುದಿಗಳಲ್ಲಿ ಬಣ್ಣದ ಮರದ ಹಲಗೆ, ರೇಷ್ಮೆಯ ಚೀಲ. ಬಡವರದಕ್ಕೆ ಬರಿಯ ದಾರ. ವರ್ತಕರೂ ಅಂಗಡಿಯವರೂ ಎಲ್ಲೆಡೆ ಅದನ್ನೇ ಬಳಸುತ್ತಿದ್ದರೆಂದೂ, ವರ್ತಕನೊಬ್ಬನ ಕಡತದಲ್ಲಿ ಸಾಕ್ಷಿಗಳ ಸಹಿತ ಬರೆದ ಸಾಲಪತ್ರವನ್ನು ಪುರಾವೆಯಾಗಿ ಒಪ್ಪಿಕೊಂಡುದನ್ನು ತಾನೇ ಕಂಡಿರುವೆನೆಂದೂ ಅವನು ಹೇಳುತ್ತಾನೆ.

ಸ್ವಾರಸ್ಯವಿರುವುದು ಮುಂದೆ. ಸರ್ಕಾರದ ಲೆಕ್ಕಗಳನ್ನು ಕಡತದಲ್ಲಿ ಬರೆಯಕೂಡದೆಂದು ಟಿಪ್ಪು ಸುಲ್ತಾನ್ ನಿಷೇಧಿಸಿದ್ದನು. ಸುಲಭವಾಗಿ ಅಳಿಸಬಹುದಾದುದರ ಮೇಲೆ ರಾಜ್ಯದ ಕಂದಾಯ ನಿಲ್ಲುವುದು ಯಾವ ದೊರೆಗೆ ತಾನೆ ಹಿಡಿಸೀತು? ಆದರೆ ವಿಲ್ಕ್ಸ್ ಕಡತದ ಪರವಾಗಿ ವಾದಿಸುತ್ತಾನೆ: ಅಳಿಸಲು ಬರುವುದು ನಿಜವೇ ಆದರೂ ಒಳ್ಳೆಯ ಕಾಗದದ ಮೇಲಿನ ಒಳ್ಳೆಯ ಬರವಣಿಗೆಗಿಂತ ಅದು ಹೆಚ್ಚು ಬಾಳಿಕೆಯುಳ್ಳದ್ದು. ಈ ಮಾತಿನಲ್ಲಿ ಹುರುಳಿದೆ. ಶೃಂಗೇರಿ ಮಠದ ಕಡತಗಳು ಉಳಿದುಬಂದಿರುವುದರಿಂದಲೇ ಡಾ. ಎ. ಕೆ. ಶಾಸ್ತ್ರಿಯವರಂತಹ ವಿದ್ವಾಂಸರು ಅವುಗಳಿಂದ ಚರಿತ್ರೆಯನ್ನು ಹೊರತೆಗೆಯಲು ಸಾಧ್ಯವಾಯಿತು. ಒರೆಸಬಹುದಾಗಿದ್ದೂ ಯಾರೂ ಒರೆಸದೆ ಬಿಟ್ಟದ್ದು ಉಳಿಯಿತು. ನಮ್ಮ ಜಿಲ್ಲೆಯ ಬ್ರಹ್ಮಗಿರಿಯಲ್ಲಿ ಅಶೋಕನು ಬಂಡೆಯ ಮೇಲೆ ಬರೆಸಿದ್ದು ಉಳಿದ ಬಗೆ ಬೇರೆ. ಅಲ್ಲಿ ಅಳಿಸುವ ಪ್ರಶ್ನೆಯೇ ಇರಲಿಲ್ಲ.

ಈಗ ಯಂತ್ರಗಳ ಕಡೆಗೆ ಬರೋಣ. 1980ರಲ್ಲಿ ಜಪಾನಿನ ನಿಂಟೆಂಡೋ ಸಂಸ್ಥೆಯ ಗುನ್ಪೆಯಿ ಯೊಕೊಯಿ ರೂಪಿಸಿದ 'ಗೇಮ್ ಅಂಡ್ ವಾಚ್' ಯಂತ್ರದಲ್ಲಿ ಆಟವು ಯಂತ್ರಕ್ಕೇ ಅಂಟಿಕೊಂಡಿತ್ತು. ತೆಗೆಯುವುದೂ ಇಲ್ಲ, ಹಾಕುವುದೂ ಇಲ್ಲ. ತೊಂಬತ್ತರ ದಶಕದಲ್ಲಿ ನಮ್ಮ ಜಾತ್ರೆಗಳಲ್ಲಿ ಸಿಗುತ್ತಿದ್ದ 'ಬ್ರಿಕ್ ಗೇಮ್' ಅದರ ಬಡ ನೆಂಟ. ಅದರ ಮೇಲೆ 9999 ಆಟಗಳೆಂದು ಅಚ್ಚು ಹಾಕಿರುತ್ತಿದ್ದರು. ನಿಜಕ್ಕೂ ಇದ್ದವು ಬೆರಳೆಣಿಕೆಯಷ್ಟು. ವೇಗ ಬದಲಾದರೆ ಅದೂ ಒಂದು ಆಟವೆಂದು ಲೆಕ್ಕ ಹಿಡಿದಿದ್ದರು. ಗಣಿತದ ಮೇಷ್ಟ್ರಾದವನು ಒಪ್ಪುವಂತಹ ಲೆಕ್ಕವಲ್ಲ ಅದು.

1989ರ 'ಗೇಮ್ ಬಾಯ್' ಬಂದಾಗ ಆಟವು ಯಂತ್ರದಿಂದ ಬೇರ್ಪಟ್ಟು ಕಾರ್ಟ್ರಿಜ್ ಎಂಬ ಸಣ್ಣ ಡಬ್ಬಿಯೊಳಗೆ ಸೇರಿತು. ಯಂತ್ರದಲ್ಲಿ ಜಾಗ ಬೇಕಾದರೆ ಡಬ್ಬಿಯನ್ನು ಕಿತ್ತರಾಯಿತು. ಅದರೊಡನೆ ಹೆಸರು ಮಾಡಿದ 'ಟೆಟ್ರಿಸ್' ಕೇವಲ 32 ಕಿಲೋಬೈಟಿನದು. ಯಂತ್ರ ಆರಿಸಿದರೆ ಗೆದ್ದ ಅಂಕವೂ ಆರಿಹೋಗುತ್ತಿತ್ತು. 1996ರಲ್ಲಿ ಜಪಾನಿನಲ್ಲಿ ಹೊರಬಂದ 'ಪೋಕೆಮಾನ್' ಆಟದ ಡಬ್ಬಿಯಲ್ಲಿ ಆಡಿದ ಲೆಕ್ಕವನ್ನು ಕಾಯಲು ಒಂದು ಗುಂಡಿಯಾಕಾರದ ಬ್ಯಾಟರಿ ಇತ್ತು. ಆದರೆ ಜಾಗ ಒಬ್ಬರ ಲೆಕ್ಕಕ್ಕೆ ಮಾತ್ರ. ತಮ್ಮನು ಹೊಸದಾಗಿ ಆಟ ಶುರುಮಾಡಿ ಉಳಿಸಿದನೆಂದರೆ ಅಣ್ಣನ ತಿಂಗಳುಗಟ್ಟಲೆಯ ಶ್ರಮ ಅಳಿಯಿತು. ಎಷ್ಟು ಮನೆಗಳಲ್ಲಿ ಇದರಿಂದ ಹೊಡೆದಾಟವಾಯಿತೋ! ವರ್ಷಗಳು ಕಳೆದು ಬ್ಯಾಟರಿ ಸತ್ತರೆ ಯಾರೂ ಒರೆಸದೆಯೇ ಎಲ್ಲವೂ ಹೋಗುತ್ತಿತ್ತು.

ಈ ಬ್ಯಾಟರಿಯ ಹಂಗನ್ನು ತಪ್ಪಿಸಿದ್ದು ಫ್ಲ್ಯಾಶ್ ಮೆಮೊರಿ. ತೋಷಿಬಾ ಸಂಸ್ಥೆಯ ಫುಜಿಯೊ ಮಸುವೋಕಾ ಅದನ್ನು 1984ರಲ್ಲಿ ವಿದ್ವತ್ಸಭೆಯ ಮುಂದಿಟ್ಟರು. ಇಂದಿನ ಮೆಮೊರಿ ಕಾರ್ಡುಗಳ ಮೂಲವಾದ ಎರಡನೆಯ ಬಗೆಯನ್ನು 1987ರಲ್ಲಿ. ಹೆಸರನ್ನು ಸೂಚಿಸಿದವರು ಅವರ ಸಹೋದ್ಯೋಗಿ ಶೋಜಿ ಅರಿಯಿಜುಮಿ. ಒಂದು ಭಾಗದಲ್ಲಿದ್ದುದೆಲ್ಲ ಒಮ್ಮೆಗೇ ಅಳಿದುಹೋಗುವ ಬಗೆ ಅವರಿಗೆ ಕ್ಯಾಮೆರಾದ ಫ್ಲ್ಯಾಶಿನ ಬೆಳಕನ್ನು ನೆನಪಿಸಿತಂತೆ. ನೋಡಿ, ಇದಕ್ಕೆ ಹೆಸರು ಬಂದಿರುವುದು ಉಳಿಸುವ ಗುಣದಿಂದಲ್ಲ, ಅಳಿಸುವ ಗುಣದಿಂದ! ಕಡತದಂತೆಯೇ ಇದೂ ಅಳಿಸಿ ಬರೆಯಲೆಂದೇ ಹುಟ್ಟಿದ್ದು. ಬಳಿದ ಇದ್ದಿಲು ಒರೆಸಿ ಒರೆಸಿ ಸವೆಯುವಂತೆ ಇದರ ಒಂದೊಂದು ಕೋಣೆಯೂ ಎಷ್ಟೋ ಸಾರಿ ಅಳಿಸಿದ ಮೇಲೆ ಸವೆಯುತ್ತದೆ.

ಫ್ಲ್ಯಾಶ್ ಬಂದ ಮೇಲೆ ಆಟವನ್ನು ಅಂಗಡಿಯಿಂದ ತರಬೇಕಿಲ್ಲ, ಅಂತರ್ಜಾಲದಿಂದಲೇ ಇಳಿಸಿಕೊಳ್ಳಬಹುದೆಂದಾಯಿತು. 'ಜಾಗ ಸಾಲದು' ಎಂಬ ಗೋಳು ಹುಟ್ಟಿದ್ದು ಆಗ. 2008ರ ನಿಂಟೆಂಡೋ ಡಿಎಸ್ಐ ಯಂತ್ರದ ಒಳಗಿದ್ದುದು 256 ಮೆಗಾಬೈಟ್. ಸೋನಿಯ 2009ರ ಪಿಎಸ್‌ಪಿ ಗೋ ತಟ್ಟೆಯನ್ನೇ ಬಿಟ್ಟು 16 ಗಿಗಾಬೈಟನ್ನು ನೆಚ್ಚಿಕೊಂಡಿತು. 2017ರ ಸ್ವಿಚ್‌ನಲ್ಲಿ 32, 2025ರ ಸ್ವಿಚ್ 2ರಲ್ಲಿ 256 ಗಿಗಾಬೈಟ್. ಚೀಲ ದೊಡ್ಡದಾದಂತೆ ಆಟಗಳೂ ಊದಿಕೊಂಡವು, ಗೋಳು ಕಡಿಮೆಯಾಗಲಿಲ್ಲ.

ತೆಗೆಯುವುದೆಂದರೆ ಯಂತ್ರವು ನಿಜವಾಗಿ ಮಾಡುವುದೇನು? ಹಲವು ಮೆಮೊರಿ ಕಾರ್ಡುಗಳಲ್ಲಿ ಬಳಸುವ ಪಟ್ಟಿಯ ಕ್ರಮದಲ್ಲಿ, ಅಳಿಸೆಂದು ಹೇಳಿದೊಡನೆ ಯಂತ್ರವು ಒಳಗಿನದನ್ನು ಒರೆಸುವುದಿಲ್ಲ. ಕಡತಗಳ ಪಟ್ಟಿಯಲ್ಲಿ ಆ ಹೆಸರಿನ ಮೊದಲ ಅಕ್ಷರದ ಜಾಗದಲ್ಲಿ ಒಂದು ಗುರುತು ಹಾಕಿ, 'ಈ ಜಾಗ ಖಾಲಿ' ಎಂದು ಬರೆದುಕೊಳ್ಳುತ್ತದೆ, ಅಷ್ಟೆ. ಶಾನುಭೋಗರು ಹೊಲವನ್ನು ಪಹಣಿಯಲ್ಲಿ ಬೀಳೆಂದು ಬರೆದ ಮಾತ್ರಕ್ಕೆ ಪೈರು ಮಾಯವಾಗದಲ್ಲ, ಹಾಗೆ. ಬೇರೆ ಬರವಣಿಗೆ ಅದರ ಮೇಲೆ ಬೀಳುವ ತನಕ ಹಳೆಯದು ಬಹುಮಟ್ಟಿಗೆ ಅಲ್ಲಿಯೇ ಇರುತ್ತದೆ. ಬಲ್ಲವರು ಎತ್ತಿ ಕೊಡಬಲ್ಲರು. ಮೇಲೆ ಬರೆದರೆ ಮುಗಿಯಿತು.

ಇದನ್ನು ಇಷ್ಟು ವಿವರಿಸಲು ಕಾರಣವಿದೆ. ನನ್ನ ಭಾವನವರನ್ನು ನಿಮ್ಮಲ್ಲಿ ಬಹುತೇಕರು ಬಲ್ಲಿರಿ. ಅಡಿಕೆ ತೋಟ ಬಿಟ್ಟು ಬೇರೆ ಲೋಕ ಅರಿಯದವರು. ಅವರ ಮೊಮ್ಮಗನಿಗೆ ಅಮೆರಿಕದ ನೆಂಟರು 2014ರಲ್ಲಿ ತಂದುಕೊಟ್ಟ 3ಡಿಎಸ್ ಯಂತ್ರದಲ್ಲಿ 'ಆನಿಮಲ್ ಕ್ರಾಸಿಂಗ್: ನ್ಯೂ ಲೀಫ್' ಎಂಬ ಆಟವಿತ್ತು. ಅದರಲ್ಲಿ ಗೆಲ್ಲುವುದು ಸೋಲುವುದು ಇಲ್ಲ. ಊರೊಂದಕ್ಕೆ ಹೆಸರಿಟ್ಟು, ಮನೆ ಕಟ್ಟಿಕೊಂಡು, ಗಿಡ ನೆಟ್ಟು, ಹಣ್ಣು ಕಿತ್ತು ಇರುವುದು. ಒಂದೇ ಊರಿನಲ್ಲಿ ನಾಲ್ವರು ಮನೆ ಮಾಡಬಹುದು. ಹುಡುಗ ಅಜ್ಜನಿಗೂ ಒಂದು ಮನೆ ಕಟ್ಟಿಕೊಟ್ಟ. ಸಂಜೆ ದೀಪ ಹಚ್ಚಿದ ಮೇಲೆ ಭಾವನವರು ಕನ್ನಡಕ ಏರಿಸಿಕೊಂಡು ಆ ಪುಟ್ಟ ತೆರೆಯಲ್ಲಿ ಸಾಲು ಹಿಡಿದು ಗಿಡ ನೆಡುತ್ತಿದ್ದರು. "ತೆಂಗು ಇದೆ, ಬಾಳೆ ಇದೆ, ಅಡಿಕೆ ಇಲ್ಲ ನೋಡಿ, ಇದೆಂಥ ತೋಟ!" ಎಂದು ನನ್ನೊಡನೆ ನಗುತ್ತಿದ್ದರು. 2017ರಲ್ಲಿ ಅವರು ತೀರಿಕೊಂಡರು. ಮರುವರ್ಷ ಕಾರ್ಡು ತುಂಬಿತೆಂದು ಮನೆಯವರು ಅದನ್ನು ಪೇಟೆಯ ಅಂಗಡಿಯೊಂದಕ್ಕೆ ಕೊಟ್ಟರು. ಅಂಗಡಿಯವನು ಏನನ್ನೂ ಕೇಳದೆ ಕಾರ್ಡನ್ನು ಪೂರ್ತಿ ಫಾರ್ಮ್ಯಾಟ್ ಮಾಡಿ, ಉಪಕಾರವೆಂಬಂತೆ ತುದಿಯವರೆಗೆ ಸಿನಿಮಾ ಹಾಡುಗಳನ್ನು ತುಂಬಿಕೊಟ್ಟ. ಆಟವನ್ನು ಅಂತರ್ಜಾಲದಿಂದ ಮತ್ತೆ ಇಳಿಸಿಕೊಂಡದ್ದಾಯಿತು, ದುಡ್ಡೂ ಕೇಳಲಿಲ್ಲ. ಅಜ್ಜನ ಮನೆ ಮತ್ತು ಅವರು ನೆಟ್ಟ ಸಾಲುಗಳು ಬರಲಿಲ್ಲ. ಹುಡುಗ ಹೊಸ ಊರು ಕಟ್ಟಲಿಲ್ಲ, ಯಂತ್ರವನ್ನು ಬೀರುವಿನಲ್ಲಿಟ್ಟ.

ಆದ್ದರಿಂದ ನೀವು ಮೊದಲು ತಿಳಿಯಬೇಕಾದುದು, ನಿಮ್ಮ ಕೈಯಲ್ಲಿರುವ ಯಂತ್ರವು ಆಟವನ್ನೂ ಆಡಿದ ಲೆಕ್ಕವನ್ನೂ ಒಟ್ಟಿಗೆ ಕಟ್ಟಿದೆಯೋ ಬೇರೆ ಇಟ್ಟಿದೆಯೋ ಎಂಬುದನ್ನು. 2004ರ ಪಿಎಸ್‌ಪಿ ಎರಡನ್ನೂ ಬೇರೆ ಬೇರೆ ಕೋಣೆಯಲ್ಲಿಟ್ಟಿತ್ತು. ಅದರ ತಮ್ಮನಾದ 2011ರ ವೀಟಾದಲ್ಲಿ ಆಟವನ್ನು ಅಳಿಸಿದರೆ ಲೆಕ್ಕವೂ ಜೊತೆಯಲ್ಲಿಯೇ ಹೋಗುತ್ತದೆ. ಮುಂದೆ ಬಂದ ಯಂತ್ರ ಹಿಂದಿನದಕ್ಕಿಂತ ಜಾಣನಾಗಿರಬೇಕೆಂಬ ನಿಯಮವೇನೂ ಇಲ್ಲ. 3ಡಿಎಸ್ ಎರಡನ್ನೂ ಅಳಿಸುತ್ತದೆ. ಕೆಲವು ಆಟಗಳಿಗೆ ಮಾತ್ರ ಮೊದಲು ಲೆಕ್ಕದ ನಕಲು ಇಟ್ಟುಕೊಳ್ಳಲೇ ಎಂದು ಕೇಳುತ್ತದೆ. ಸ್ವಿಚ್‌ನಲ್ಲಿ ಎರಡು ಆಜ್ಞೆಗಳಿವೆ. 'ಆರ್ಕೈವ್' ಎಂದರೆ ಆಟದ ಭಾರ ಇಳಿದು ಚಿತ್ರ ಮಾತ್ರ ಮುಖಪುಟದಲ್ಲಿ ನಿಲ್ಲುತ್ತದೆ. 'ಡಿಲೀಟ್' ಎಂದರೆ ಆ ಚಿತ್ರವೂ ಹೋಗುತ್ತದೆ. ಎರಡರಲ್ಲಿಯೂ ಆಡಿದ ಲೆಕ್ಕ ಯಂತ್ರದೊಳಗೇ ಉಳಿಯುತ್ತದೆ. ಅದನ್ನು ಅಳಿಸಬೇಕಾದರೆ ಬೇರೆಯೇ ಬಾಗಿಲಿನಿಂದ ಹೋಗಬೇಕು. ಅಲ್ಲಿ ಕಾರ್ಡು ಬದಲಾಯಿಸಿದರೂ ಭಯವಿಲ್ಲ. ಯಂತ್ರವೇ ಕೆಟ್ಟರೆ ಮಾತ್ರ ಭಯ.

ಈ ಬೇರ್ಪಡಿಸುವ ಬುದ್ಧಿ ನಮ್ಮ ಕರ್ನಾಟಕದ ಕೈಯಂತ್ರವೊಂದಕ್ಕೂ ಹೊಳೆದಿತ್ತೆಂಬುದು ಹಲವರಿಗೆ ಮರೆತಿದೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ವಿಜಯ್ ಚಂದ್ರು, ಸ್ವಾಮಿ ಮನೋಹರ್ ಮೊದಲಾದ ಪ್ರಾಧ್ಯಾಪಕರು ಎನ್ಕೋರ್ ಸಂಸ್ಥೆಯವರೊಡನೆ ಸೇರಿ ರೂಪಿಸಿದ 'ಸಿಂಪ್ಯೂಟರ್' ಆಟದ ಯಂತ್ರವಲ್ಲ. ಹಳ್ಳಿಯ ಜನ ಹಂಚಿಕೊಂಡು ಬಳಸಲೆಂದು ಮಾಡಿದ ಅಂಗೈ ಕಂಪ್ಯೂಟರು. ಒಂದು ಯಂತ್ರ ಇಡೀ ಊರಿಗೆ. ಒಬ್ಬೊಬ್ಬರ ವಿವರ ಅವರವರ ಸ್ಮಾರ್ಟ್ ಕಾರ್ಡಿನಲ್ಲಿ. ಒಬ್ಬನಿಗೆ ಜಾಗ ಮಾಡಲು ಇನ್ನೊಬ್ಬನದನ್ನು ಅಳಿಸಬೇಕಾಗಿಯೇ ಇರಲಿಲ್ಲ. ಭಾರತ್ ಎಲೆಕ್ಟ್ರಾನಿಕ್ಸ್ ಸಹಯೋಗದಲ್ಲಿ 2004ರಲ್ಲಿ 'ಅಮಿಡಾ' ಎಂಬ ಹೆಸರಿನಿಂದ ಅದು ಮಾರುಕಟ್ಟೆಗೆ ಬಂದಿತಾದರೂ ನೆನೆಸಿದಷ್ಟು ಹರಡಲಿಲ್ಲ. ಪೋಕೆಮಾನ್ ಡಬ್ಬಿಗಾಗಿ ಜಗಳವಾಡಿದ ಅಣ್ಣತಮ್ಮಂದಿರಿಗೆ ಬೇಕಾಗಿದ್ದುದು ಇಂತಹುದೇ ಕಾರ್ಡು ಎಂದು ನನಗೆ ಅನ್ನಿಸುವುದುಂಟು.

ಕೊನೆಯದಾಗಿ, ಆಟವನ್ನು ಎಂದಾದರೂ ಮತ್ತೆ ಇಳಿಸಿಕೊಳ್ಳಬಹುದೆಂಬ ಭರವಸೆಯ ಮಾತು. ಜಗಲಿಯ ಚೌಕಾಬಾರಕ್ಕೆ ಆ ಭರವಸೆ ನಮ್ಮ ತಲೆಯಲ್ಲಿತ್ತು. ಇವಕ್ಕೆ ಅದು ಅಂಗಡಿಯವನ ಕೈಯಲ್ಲಿದೆ. ಡಿಎಸ್ಐ ಯಂತ್ರದ ಅಂತರ್ಜಾಲದ ಅಂಗಡಿ 2017ರ ಮಾರ್ಚ್ 31ರಂದು ಬಾಗಿಲು ಹಾಕಿತು. 3ಡಿಎಸ್ ಯಂತ್ರದ್ದು 2023ರ ಮಾರ್ಚ್ 27ರಂದು ಮಾರಾಟ ನಿಲ್ಲಿಸಿತು. ಮೊದಲೇ ಕೊಂಡವರು ಅಲ್ಲಿಂದ ಮತ್ತೆ ಇಳಿಸಿಕೊಳ್ಳಲು ಅಂದು ಅವಕಾಶ ಉಳಿಸಿದರಾದರೂ ಅದು ಎಂದಿನವರೆಗೆ ಎಂಬ ದಿನಾಂಕವನ್ನು ಹೇಳಲಿಲ್ಲ. ಅಂತಹ ಹಳೆಯ ಯಂತ್ರ ಯಾರ ಮನೆಯಲ್ಲಾದರೂ ಇದ್ದರೆ, ಅದರ ಕಾರ್ಡಿನಲ್ಲಿರುವುದೆಲ್ಲವನ್ನೂ ಕಂಪ್ಯೂಟರಿಗೆ ನಕಲು ಮಾಡಿಟ್ಟುಕೊಂಡು ಆಮೇಲೆ ಏನನ್ನಾದರೂ ಅಳಿಸಿ. ಅರ್ಧ ಗಂಟೆಯ ಕೆಲಸ; ಕಾರ್ಡನ್ನು ಹೊರತೆಗೆಯುವ ಮುನ್ನ ಯಂತ್ರವನ್ನು ಆರಿಸಿರಬೇಕು.